ಸಸ್ಯಶಿಲ್ಪಿ ಲೂಥರ್ ಬರ್ಬ್ಯಾಂಕ್

ಆಲೂಗಡ್ಡೆಯ ಪರಿಚಯವಿಲ್ಲದ ಮನೆ ನಮ್ಮ ನಾಡಿನಲ್ಲಿ ಇಲ್ಲವೆಂದೇ ಹೇಳಬಹುದು. ಹಾಸನ, ಕೋಲಾರ, ಬೆಳಗಾವಿ ಮುಂತಾದ ಜಿಲ್ಲೆಗಳಲ್ಲಿ ಅದನ್ನು ಬೆಳೆಯುವ ಬಗೆಯನ್ನು ನಿಮ್ಮಲ್ಲಿ ಕೆಲವರು ನೋಡಿರಬಹುದು. ರೈತನು ಗಡ್ಡೆಯನ್ನೇ ಕಣ್ಣುಗಳು ಉಳಿಯುವಂತೆ ಕತ್ತರಿಸಿ ನೆಲದಲ್ಲಿ ನೆಡುತ್ತಾನೆ. ಹೀಗೆ ಹುಟ್ಟಿದ ಗಿಡವು ತಾಯಿಗಿಡದ ಪಡಿಯಚ್ಚಿನಂತಿರುತ್ತದೆ. ತಾಯಿಯ ಗುಣದೋಷಗಳೆಲ್ಲವೂ ಅದರಲ್ಲಿ ಮುಂದುವರಿಯುತ್ತವೆ. ಆದರೆ ಆಲೂಗಡ್ಡೆಯ ಗಿಡವೂ ಹೂ ಬಿಡುತ್ತದೆ. ಕೆಲವು ತಳಿಗಳಲ್ಲಿ ಅಪರೂಪಕ್ಕೊಮ್ಮೆ ಆ ಹೂವು ಕಾಯಿಗಟ್ಟಿ, ಸಣ್ಣ ಟೊಮೆಟೊವನ್ನು ಹೋಲುವ ಕಾಯಿಯೊಳಗೆ ಬೀಜಗಳು ಬಲಿಯುತ್ತವೆ. ಬೀಜದಿಂದ ಹುಟ್ಟಿದ ಗಿಡಗಳು ಒಂದರಂತೆ ಮತ್ತೊಂದು ಇರುವುದಿಲ್ಲ. ಗಡ್ಡೆಯ ಮೇಲೆಯೇ ಕಣ್ಣಿಟ್ಟ ಬೆಳೆಗಾರನು ಈ ಕಾಯಿಯನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. 1872ರಲ್ಲಿ ಅಮೆರಿಕದ ಒಬ್ಬ ತರುಣನು ಅದನ್ನು ಲೆಕ್ಕಕ್ಕೆ ತೆಗೆದುಕೊಂಡನು. ಆ ಒಂದು ಕಾಯಿಯಿಂದ ಅವನ ಬಾಳಿನ ದಾರಿಯೇ ಬದಲಾಯಿತು. ಅವನೇ ಲೂಥರ್ ಬರ್ಬ್ಯಾಂಕ್.

ಬರ್ಬ್ಯಾಂಕನು 1849ರ ಮಾರ್ಚ್ 7ರಂದು ಮ್ಯಾಸಚೂಸೆಟ್ಸ್ ಸಂಸ್ಥಾನದ ಲ್ಯಾಂಕಾಸ್ಟರ್ ಎಂಬ ಊರಿನಲ್ಲಿ ಜನಿಸಿದನು. ಅವನ ತಂದೆ ಬೇಸಾಯದೊಂದಿಗೆ ಇಟ್ಟಿಗೆ ಸುಡುವ ಕೆಲಸವನ್ನೂ ಮಾಡುತ್ತಿದ್ದನು. ಹದಿನೈದು ಮಕ್ಕಳ ದೊಡ್ಡ ಸಂಸಾರದಲ್ಲಿ ಲೂಥರನು ಹದಿಮೂರನೆಯವನು. ಮೃದು ಸ್ವಭಾವದ, ನಾಚಿಕೆಯ ಹುಡುಗ. ಅವನಿಗೆ ಶಾಲೆಯ ವಿದ್ಯಾಭ್ಯಾಸ ಹೆಚ್ಚು ದೊರೆಯಲಿಲ್ಲ. ಕಾಲೇಜಿನ ಮೆಟ್ಟಿಲನ್ನಂತೂ ಅವನು ಹತ್ತಲಿಲ್ಲ. ಎಳೆಯ ವಯಸ್ಸಿನಲ್ಲೇ ನೇಗಿಲು ತಯಾರಿಸುವ ಕಾರ್ಖಾನೆಯೊಂದರಲ್ಲಿ ದುಡಿದನು. ಆದರೆ ಊರಿನ ಪುಸ್ತಕಾಲಯವು ಅವನಿಗೆ ಎರಡನೆಯ ಶಾಲೆಯಾಯಿತು. ಅಲ್ಲಿ ಅವನ ಕೈಗೆ ಚಾರ್ಲ್ಸ್ ಡಾರ್ವಿನ್ನನ ಒಂದು ಗ್ರಂಥ ಸಿಕ್ಕಿತು. ಮನುಷ್ಯನು ಸಾಕಿ ಬೆಳೆಸಿದ ಪ್ರಾಣಿಗಳಲ್ಲಿಯೂ ಸಸ್ಯಗಳಲ್ಲಿಯೂ ಉಂಟಾಗುವ ವ್ಯತ್ಯಾಸಗಳನ್ನು ಕುರಿತು 1868ರಲ್ಲಿ ಪ್ರಕಟವಾದ ಗ್ರಂಥವದು. ಒಂದೇ ತಾಯಿಯ ಬೀಜಗಳಲ್ಲಿ ಭೇದಗಳಿರುತ್ತವೆ, ಬೇಕಾದ ಭೇದವನ್ನು ಆರಿಸಿ ಬೆಳೆಸುತ್ತ ಹೋದರೆ ಹೊಸ ತಳಿಯನ್ನು ಪಡೆಯಬಹುದು ಎಂಬ ಮಾತು ತರುಣನ ಮನಸ್ಸಿನಲ್ಲಿ ನಾಟಿತು.

ತಂದೆ ತೀರಿಕೊಂಡ ಬಳಿಕ ತನ್ನ ಪಾಲಿಗೆ ಬಂದ ಹಣದಿಂದ ಬರ್ಬ್ಯಾಂಕನು 21ನೆಯ ವಯಸ್ಸಿನಲ್ಲಿ 17 ಎಕರೆ ಜಮೀನನ್ನು ಕೊಂಡು ತರಕಾರಿ ಬೆಳೆಯತೊಡಗಿದನು. ಅಲ್ಲಿಯೇ 1872ರಲ್ಲಿ ‘ಅರ್ಲಿ ರೋಸ್’ ಎಂಬ ತಳಿಯ ಆಲೂಗಡ್ಡೆ ಗಿಡವೊಂದರಲ್ಲಿ ಒಂದೇ ಒಂದು ಕಾಯಿ ಕಾಣಿಸಿತು. ಅದು ಬಲಿಯುವುದನ್ನೇ ಅವನು ದಿನವೂ ಕಾಯುತ್ತಿದ್ದನು. ಒಂದು ಬೆಳಿಗ್ಗೆ ಹೋಗಿ ನೋಡಿದರೆ ಕಾಯಿ ಇಲ್ಲ! ಯಾವುದೋ ಪ್ರಾಣಿಯ ಕಾಲು ತಾಗಿಯೋ ಗಾಳಿಗೆ ಸಿಕ್ಕಿಯೋ ಅದು ಉದುರಿಹೋಗಿತ್ತು. ಮತ್ತೊಬ್ಬನಾಗಿದ್ದರೆ ಹೋದರೆ ಹೋಯಿತೆಂದು ಸುಮ್ಮನಾಗುತ್ತಿದ್ದನು. ಬರ್ಬ್ಯಾಂಕನು ದಿನದ ಮೇಲೆ ದಿನ ಮಣ್ಣನ್ನೂ ಎಲೆಗಳನ್ನೂ ಸರಿಸಿ ಹುಡುಕಿದನು. ಕೊನೆಗೆ ಕೆಲವು ಅಡಿಗಳಾಚೆ ಅದು ಸಿಕ್ಕಿತು. ಅದರಲ್ಲಿದ್ದ ಬೀಜಗಳು 23.

ಮರುವರ್ಷ ಆ 23 ಬೀಜಗಳಿಂದ 23 ಗಿಡಗಳು ಹುಟ್ಟಿದವು. ಅಗೆದು ನೋಡಿದಾಗ ಒಂದರ ಗಡ್ಡೆ ಇನ್ನೊಂದರ ಗಡ್ಡೆಯಂತಿರಲಿಲ್ಲ. ಕೆಲವು ಗೋಲಿಯಷ್ಟು ಚಿಕ್ಕವು, ಕೆಲವು ಸೊಟ್ಟ, ಕೆಲವಕ್ಕೆ ಆಳವಾದ ಕಣ್ಣುಗಳು. ಆದರೆ ಒಂದು ಗಿಡದ ಬುಡದಲ್ಲಿ ನಯವಾದ, ದಪ್ಪನಾದ, ಬಿಳಿಯ ಗಡ್ಡೆಗಳು ತುಂಬಿದ್ದವು. ಅವನು ಅದೊಂದನ್ನೇ ಆರಿಸಿ ವೃದ್ಧಿಪಡಿಸಿದನು. 1875ರಲ್ಲಿ ಈ ತಳಿಯನ್ನು ಬೀಜದ ವ್ಯಾಪಾರಿಯೊಬ್ಬನಿಗೆ ಮಾರಿದನು. ಕೇಳಿದ್ದು 500 ಡಾಲರ್. ದೊರೆತದ್ದು 150 ಡಾಲರ್. ಬೀಜಕ್ಕೆಂದು ಹತ್ತು ಗಡ್ಡೆಗಳನ್ನು ತನ್ನಲ್ಲಿ ಉಳಿಸಿಕೊಳ್ಳಲು ಮಾತ್ರ ಅವನಿಗೆ ಅನುಮತಿ ಸಿಕ್ಕಿತು. ಆ ಹಣವನ್ನೂ ಹತ್ತು ಗಡ್ಡೆಗಳನ್ನೂ ಹಿಡಿದು, ಬೆಚ್ಚನೆಯ ಹವೆಯನ್ನು ಅರಸುತ್ತ, ತನ್ನ ಅಣ್ಣಂದಿರು ನೆಲೆಸಿದ್ದ ಕ್ಯಾಲಿಫೋರ್ನಿಯಕ್ಕೆ ಹೊರಟನು.

ಅಲ್ಲಿನ ಸಾಂಟಾ ರೋಸಾ ಎಂಬ ಊರಿನ ನೆಲ, ನೀರು, ಹವೆ ಎಲ್ಲವೂ ಅವನ ಮನಸ್ಸಿಗೆ ಒಪ್ಪಿದವು. ಆದರೆ ಕೈಯಲ್ಲಿ ಕೆಲಸವಿರಲಿಲ್ಲ. ಅವನು ಬಡಗಿಯ ಕೆಲಸ ಮಾಡಿದನು, ಕೋಳಿಗೂಡುಗಳನ್ನು ಗುಡಿಸಿದನು. ಕಾಯಿಲೆಬಿದ್ದು ಉಪವಾಸವಿದ್ದಾಗ ನೆರೆಯ ಹೆಂಗಸೊಬ್ಬಳು ದಿನವೂ ಹಾಲು ಕೊಟ್ಟು ಅವನನ್ನು ಉಳಿಸಿದಳು. ಚೇತರಿಸಿಕೊಂಡ ಮೇಲೆ ಅವನು ಸಣ್ಣದೊಂದು ಸಸ್ಯಕ್ಷೇತ್ರವನ್ನು, ಎಂದರೆ ಜನರು ನರ್ಸರಿ ಎಂದು ಕರೆಯುವ ಸಸಿಗಳ ತೋಟವನ್ನು ತೆರೆದನು. ಮೊದಲ ವರ್ಷ ಮಾರಾಟದಿಂದ ಬಂದದ್ದು ಸುಮಾರು 15 ಡಾಲರ್ ಮಾತ್ರ.

1881ರಲ್ಲಿ ಅವನ ಅದೃಷ್ಟವು ತಿರುಗಿತು. ವಾರನ್ ಡಟನ್ ಎಂಬ ಶ್ರೀಮಂತನಿಗೆ ಅದೇ ವರ್ಷದೊಳಗೆ 20,000 ಪ್ರೂನ್ ಸಸಿಗಳು ಬೇಕಾಗಿದ್ದವು. ಪ್ರೂನ್ ಎಂಬುದು ಒಣಗಿಸಿ ತಿನ್ನುವ ಪ್ಲಮ್ ಹಣ್ಣು. ಇಂತಹ ಸಸಿ ಸಿದ್ಧವಾಗಲು ಎರಡು ಮೂರು ವರ್ಷಗಳು ಬೇಕು. ಉಳಿದ ಸಸ್ಯಕ್ಷೇತ್ರದವರೆಲ್ಲ ಆಗದೆಂದು ಕೈಚೆಲ್ಲಿದರು. ಬರ್ಬ್ಯಾಂಕನು ಯೋಚಿಸಿದನು. ಪ್ಲಮ್ಮಿನ ಬೀಜ ನಿಧಾನವಾಗಿ ಮೊಳೆಯುತ್ತದೆ. ಆದರೆ ಅದರ ನೆಂಟನಾದ ಬಾದಾಮಿಯ ಬೀಜ ಬೇಗ ಮೊಳೆತು ಬೇಗ ಬೆಳೆಯುತ್ತದೆ. ಅವನು ಬಾದಾಮಿಯನ್ನು ತೇವದ ಮರಳಿನಲ್ಲಿ ಮೊಳೆಸಿ, ಸಾಲುಗಳಲ್ಲಿ ನೆಟ್ಟು, ಬೇಸಗೆಯಲ್ಲಿ ಅವುಗಳ ಕಾಂಡಕ್ಕೆ ಪ್ರೂನಿನ ಕಣ್ಣುಗಳನ್ನು ಕಸಿಮಾಡಿಸಿದನು. ಕಣ್ಣು ಹಿಡಿದ ಮೇಲೆ ಬಾದಾಮಿಯ ತುದಿಯನ್ನು ಒಮ್ಮೆಲೆ ಕತ್ತರಿಸದೆ ಮುರಿದು ಬಗ್ಗಿಸಿದನು. ಹೀಗೆ ಮಾಡಿದ್ದರಿಂದ ಬಾದಾಮಿಯ ಎಲೆಗಳು ಬೇರಿಗೆ ಆಹಾರ ಒದಗಿಸುತ್ತಲೇ ಇದ್ದವು; ಹೊಸ ಚಿಗುರೂ ಮೇಲೆದ್ದಿತು. ವರ್ಷ ಮುಗಿಯುವ ವೇಳೆಗೆ 19 ಸಾವಿರಕ್ಕೂ ಹೆಚ್ಚು ಸಸಿಗಳು ಸಿದ್ಧವಾದವು. ಬರ್ಬ್ಯಾಂಕನ ಹೆಸರು ಸುತ್ತಲಿನ ಸೀಮೆಯಲ್ಲೆಲ್ಲ ಹಬ್ಬಿತು.

ಸಸಿ ಮಾರುವ ವ್ಯಾಪಾರದಲ್ಲಿಯೇ ಅವನು ಸುಖವಾಗಿ ಬಾಳಬಹುದಾಗಿತ್ತು. ಆದರೆ ಅವನ ಮನಸ್ಸು ಇದ್ದದ್ದು ಹೊಸ ತಳಿಗಳ ಸೃಷ್ಟಿಯಲ್ಲಿ. 1885ರಲ್ಲಿ ಅವನು ಹತ್ತಿರದ ಸೆಬಾಸ್ಟಪೋಲಿನಲ್ಲಿ ಪ್ರಯೋಗಗಳಿಗಾಗಿ ಬೇರೊಂದು ತೋಟವನ್ನು ಕೊಂಡನು. ಅದೇ ಕಾಲದಲ್ಲಿ ಜಪಾನಿನಿಂದ ಪ್ಲಮ್ ಸಸಿಗಳನ್ನು ತರಿಸಿದನು. ಕ್ರಮೇಣ ಸಾಮಾನ್ಯ ಸಸಿಗಳ ವ್ಯಾಪಾರವನ್ನು ಕೈಬಿಟ್ಟು, ಬೇರೆಲ್ಲಿಯೂ ದೊರೆಯದ ತನ್ನ ತಳಿಗಳನ್ನು ಮಾತ್ರ ಮಾರತೊಡಗಿದನು. ‘ಹೊಸ ಸೃಷ್ಟಿಗಳು’ ಎಂಬ ಹೆಸರಿನಲ್ಲಿ 1893ರಲ್ಲಿ ಅವನು ಹೊರತಂದ ಹಣ್ಣುಹೂಗಳ ಬೆಲೆಪಟ್ಟಿಯನ್ನು ಓದಿ ದೇಶವೇ ಬೆರಗಾಯಿತು.

ಅವನು ಕೆಲಸಮಾಡುತ್ತಿದ್ದ ರೀತಿ ಹೀಗಿತ್ತು. ತಂದೆಯಾಗಬೇಕಾದ ಹೂವಿನ ಪರಾಗವನ್ನು ಗಡಿಯಾರದ ಗಾಜಿನಂತಹ ಪುಟ್ಟ ಬಟ್ಟಲಲ್ಲಿ ಕೂಡಿಡುವನು. ತಾಯಿಯಾಗಬೇಕಾದ ಹೂವಿನ ದಳಗಳನ್ನೂ ಕೇಸರಗಳನ್ನೂ ಸಣ್ಣ ಚಾಕುವಿನಿಂದ ತೆಗೆದುಬಿಡುವನು. ದಳವಿಲ್ಲದ ಹೂವಿಗೆ ಜೇನುನೊಣ ಬರುವುದು ಕಡಮೆ. ಅನಂತರ ಬೆರಳ ತುದಿಯಿಂದ ಪರಾಗವನ್ನು ಲೇಪಿಸುವನು. ಹೀಗೆ ದೊರೆತ ಬೀಜಗಳಿಂದ ನೂರಾರಲ್ಲ, ಸಾವಿರಾರು ಸಸಿಗಳನ್ನು ಬೆಳೆಸುವನು. ಬೀಜದಿಂದ ಹುಟ್ಟಿದ ಹಣ್ಣಿನ ಗಿಡ ಫಲ ಕೊಡಲು ಬಹಳ ವರ್ಷಗಳು ಹಿಡಿಯುತ್ತವೆ. ಆದುದರಿಂದ ಎಳೆಯ ಸಸಿಗಳ ಕಡ್ಡಿಗಳನ್ನು ಬೆಳೆದ ಮರದ ಕೊಂಬೆಗಳಿಗೆ ಕಸಿಮಾಡುವನು. ಒಂದೇ ಮರದಲ್ಲಿ ನೂರಾರು ಬಗೆಯ ಹಣ್ಣುಗಳು ತೂಗುತ್ತಿದ್ದವು.

ಇದೆಲ್ಲಕ್ಕಿಂತ ಕಠಿಣವಾದ ಕೆಲಸ ಆಯ್ಕೆ. ಬ್ಲ್ಯಾಕ್‌ಬೆರಿ ಮತ್ತು ರಾಸ್ಪ್‌ಬೆರಿ ಎಂಬ ಎರಡು ಹಣ್ಣುಗಳನ್ನು ಕೂಡಿಸಿ ಪಡೆದ 40,000 ಮಿಶ್ರತಳಿಯ ಪೊದೆಗಳನ್ನು ಅವನು ಹಣ್ಣು ಬಿಡುವವರೆಗೆ ಸಾಕಿದನು. ಪ್ರತಿಯೊಂದನ್ನೂ ಪರೀಕ್ಷಿಸಿ ಒಂದೇ ಒಂದನ್ನು ಆರಿಸಿದನು. ಉಳಿದವನ್ನೆಲ್ಲ ಹಣ್ಣುಸಹಿತ ಕಿತ್ತು ರಾಶಿಹಾಕಿ ಬೆಂಕಿಯಿಟ್ಟನು. ಹಿತ್ತಲಿನ ಒಂದು ಸಸಿಯನ್ನು ಕಿತ್ತೆಸೆಯಲು ನಮಗೆ ಮನಸ್ಸು ಬಾರದು. ತಾನೇ ಬೆಳೆಸಿದ ಸಾವಿರಾರು ಗಿಡಗಳನ್ನು ಸುಡುವುದಕ್ಕೆ ಎಂತಹ ಮನೋದಾರ್ಢ್ಯ ಬೇಕೆಂಬುದನ್ನು ಊಹಿಸಿಕೊಳ್ಳಿ!

ಅವನ ತಾಳ್ಮೆಗೆ ‘ಶಾಸ್ತ ಡೇಸಿ’ ಎಂಬ ಹೂವು ಸಾಕ್ಷಿಯಾಗಿದೆ. ನಮ್ಮ ಸೇವಂತಿಗೆಯ ಕುಲಕ್ಕೆ ಸೇರಿದ ಡೇಸಿ ಅಮೆರಿಕದಲ್ಲಿ ದಾರಿಬದಿಯ ಕಳೆಯಾಗಿತ್ತು. ಅದನ್ನು ಯುರೋಪಿನ ತಳಿಗಳೊಡನೆಯೂ ಕೊನೆಗೆ ಜಪಾನಿನ ಅಚ್ಚಬಿಳಿಯ ತಳಿಯೊಡನೆಯೂ ಕೂಡಿಸುತ್ತ, ಆರಿಸುತ್ತ ಅವನು ಹದಿನೇಳು ವರ್ಷಗಳನ್ನು ಕಳೆದನು. 1901ರಲ್ಲಿ ಹೊರಬಂದ ಆ ದೊಡ್ಡ ಬಿಳಿಯ ಹೂವಿಗೆ ಕ್ಯಾಲಿಫೋರ್ನಿಯದ ಹಿಮಾಚ್ಛಾದಿತ ಶಾಸ್ತ ಪರ್ವತದ ಹೆಸರನ್ನಿಟ್ಟನು. 1906ರಲ್ಲಿ ಅವನು ಹೊರತಂದ ‘ಸಾಂಟಾ ರೋಸಾ’ ಪ್ಲಮ್ ಸಮುದ್ರಗಳನ್ನು ದಾಟಿ ನಮ್ಮ ಹಿಮಾಚಲ ಪ್ರದೇಶದ ತೋಟಗಳಲ್ಲಿಯೂ ನೆಲೆಸಿದೆ. ಜೀವಮಾನದಲ್ಲಿ ಅವನು ರೂಪಿಸಿದ ತಳಿಗಳು 800ಕ್ಕೂ ಹೆಚ್ಚು.

ಪತ್ರಿಕೆಗಳು ಅವನನ್ನು ‘ಸಸ್ಯಮಾಂತ್ರಿಕ’ನೆಂದು ಹೊಗಳಿದವು. ಆದರೆ ಹೊಗಳಿಕೆಯೂ ಕೆಲವೊಮ್ಮೆ ಹೊರೆಯಾಗುತ್ತದೆ. ಮುಳ್ಳಿಲ್ಲದ ಪಾಪಾಸುಕಳ್ಳಿಯನ್ನು ಅವನು ಬೆಳೆಸಿದಾಗ, ಮರುಭೂಮಿಯೆಲ್ಲ ದನಗಳ ಮೇವಿನ ಬಯಲಾಗುವುದೆಂದು ಜನರು ನಂಬಿದರು. ಮಾರಾಟಗಾರರು ಅದಕ್ಕೆ ಇನ್ನಷ್ಟು ಬಣ್ಣ ಕಟ್ಟಿದರು. ಆದರೆ ಮುಳ್ಳಿನ ರಕ್ಷಣೆಯಿಲ್ಲದ ಆ ಗಿಡಕ್ಕೆ ಬೇಲಿ ಬೇಕಾಯಿತು. ಚೆನ್ನಾಗಿ ಬೆಳೆಯಲು ನೀರೂ ಬೇಕಾಯಿತು. ನಂಬಿ ಹಣ ಹಾಕಿದವರು ನಷ್ಟಹೊಂದಿದರು. ಬರ್ಬ್ಯಾಂಕನ ಕೀರ್ತಿಗೆ ಇದು ಕಲೆಯಾಯಿತು.

ಇನ್ನೊಂದು ಕೊರತೆ ಇದಕ್ಕಿಂತ ದೊಡ್ಡದು. 1905ರಲ್ಲಿ ಕಾರ್ನೆಗಿ ಸಂಸ್ಥೆಯು ಅವನಿಗೆ ವರ್ಷಕ್ಕೆ 10,000 ಡಾಲರ್ ನೆರವು ನೀಡಿ, ಅವನ ವಿಧಾನಗಳನ್ನು ಬರೆದಿಡಲು ಜಾರ್ಜ್ ಶಲ್ ಎಂಬ ತರುಣ ವಿಜ್ಞಾನಿಯನ್ನು ಕಳುಹಿಸಿತು. ಶಲ್ಲನಿಗೆ ಬೇಕಾಗಿದ್ದುದು ಲೆಕ್ಕ: ಯಾವ ಗಿಡವನ್ನು ಯಾವುದರೊಡನೆ ಕೂಡಿಸಿದ್ದು? ಎಷ್ಟು ಬೀಜಗಳು? ಎಷ್ಟು ಸಸಿಗಳಲ್ಲಿ ಯಾವ ಗುಣ? ಬರ್ಬ್ಯಾಂಕನ ಟಿಪ್ಪಣಿಗಳಲ್ಲಿ ಇವುಗಳಿಗೆ ಉತ್ತರ ಸಾಲದಾಯಿತು. ಅವನು ಸಾಲುಗಳ ನಡುವೆ ನಡೆಯುತ್ತ ಎಲೆಯನ್ನು ನೋಡಿ, ಹಣ್ಣನ್ನು ಕಚ್ಚಿ, ಕ್ಷಣಮಾತ್ರದಲ್ಲಿ ತೀರ್ಮಾನಿಸುತ್ತಿದ್ದನು. ಆ ತೀರ್ಮಾನ ಬಹುಮಟ್ಟಿಗೆ ಸರಿಯಾಗಿರುತ್ತಿತ್ತು. ಆದರೆ ಕಾರಣವು ಕಾಗದಕ್ಕೆ ಇಳಿಯುತ್ತಿರಲಿಲ್ಲ. 1909ರಲ್ಲಿ ನೆರವು ನಿಂತುಹೋಯಿತು. ಇದಕ್ಕೂ ಬಹಳ ಹಿಂದೆ ಗ್ರೆಗರ್ ಮೆಂಡೆಲನು ಮಠದ ಸಣ್ಣ ತೋಟದಲ್ಲಿ ಬಟಾಣಿ ಗಿಡಗಳನ್ನು ಎಣಿಸಿ ಬರೆದಿಟ್ಟಿದ್ದನು. ಲೋಕಕ್ಕೆ ಒಂದೂ ಹೊಸ ಹಣ್ಣನ್ನು ಕೊಡದಿದ್ದರೂ ಆ ಬರಹವು ಅನುವಂಶೀಯತೆಯ ವಿಜ್ಞಾನಕ್ಕೆ ತಳಹದಿಯಾಯಿತು. ಬರ್ಬ್ಯಾಂಕನು ನೂರಾರು ಹಣ್ಣುಹೂಗಳನ್ನು ಕೊಟ್ಟನು. ಆದರೆ ಅವನ ಕಣ್ಣಿಗಿದ್ದ ವಿದ್ಯೆಯು ಅವನೊಡನೆಯೇ ಹೋಯಿತು.

1926ರ ಏಪ್ರಿಲ್ 11ರಂದು ಬರ್ಬ್ಯಾಂಕನು ತೀರಿಕೊಂಡನು. ತನ್ನ ಮನೆಯ ಬಳಿಯ ದೇವದಾರು ಜಾತಿಯ ಮರದಡಿಯಲ್ಲೇ ಅವನನ್ನು ಸಮಾಧಿಮಾಡಿದರು. ಯಂತ್ರವನ್ನು ಕಂಡುಹಿಡಿದವನಿಗೆ ಹಕ್ಕುಪತ್ರ ದೊರೆಯುತ್ತಿದ್ದ ಆ ಕಾಲದಲ್ಲಿ, ಹೊಸ ಸಸ್ಯವನ್ನು ಸೃಷ್ಟಿಸಿದವನಿಗೆ ಅಂತಹ ರಕ್ಷಣೆ ಇರಲಿಲ್ಲ. ಒಮ್ಮೆ ಮಾರಿದ ಗಿಡವನ್ನು ಯಾರು ಬೇಕಾದರೂ ವೃದ್ಧಿಪಡಿಸಿ ಮಾರಬಹುದಾಗಿತ್ತು. 1930ರಲ್ಲಿ ಅಮೆರಿಕದಲ್ಲಿ ಸಸ್ಯಗಳಿಗೂ ಹಕ್ಕುಪತ್ರ ನೀಡುವ ಕಾಯಿದೆ ಬಂದಿತು. ಅದನ್ನು ಬೆಂಬಲಿಸಿದವರಲ್ಲಿ ಥಾಮಸ್ ಎಡಿಸನ್ ಒಬ್ಬನು. ಮರಣಾನಂತರ ಬರ್ಬ್ಯಾಂಕನ ಹೆಸರಿಗೆ 16 ಹಕ್ಕುಪತ್ರಗಳು ದೊರೆತವು. ವಿಚಿತ್ರವೆಂದರೆ, ಗಡ್ಡೆಯಿಂದ ಬೆಳೆಸುವ ಸಸ್ಯಗಳನ್ನು ಆ ಕಾಯಿದೆಯಿಂದ ಹೊರಗಿಡಲಾಯಿತು. ಅವನ ಮೊದಲ ಸೃಷ್ಟಿಗೆ ಅದು ಅನ್ವಯಿಸಲೇ ಇಲ್ಲ. ನಮ್ಮ ದೇಶದಲ್ಲಿ 2001ರ ಕಾಯಿದೆಯು ತಳಿ ರೂಪಿಸಿದವನ ಹಕ್ಕನ್ನೂ, ಬೀಜವನ್ನು ಉಳಿಸಿಕೊಂಡು ಬಿತ್ತುವ ರೈತನ ಹಕ್ಕನ್ನೂ ಒಟ್ಟಿಗೆ ಮಾನ್ಯಮಾಡಿದೆ.

150 ಡಾಲರಿಗೆ ಮಾರಿದ ಆ ಆಲೂಗಡ್ಡೆಯ ಕಥೆ ಮುಗಿದಿಲ್ಲ. ಅದೇ ತಳಿಯಲ್ಲಿ ತಾನಾಗಿ ಮಾರ್ಪಾಡು ಉಂಟಾಗಿ ಒರಟು ಕಂದು ಸಿಪ್ಪೆಯ ಗಡ್ಡೆಯೊಂದು ಹುಟ್ಟಿತು. ‘ರಸೆಟ್ ಬರ್ಬ್ಯಾಂಕ್’ ಎಂಬ ಹೆಸರಿನ ಅದು ಉತ್ತರ ಅಮೆರಿಕದಲ್ಲಿ ಅತಿ ಹೆಚ್ಚಾಗಿ ಬೆಳೆಯುವ ತಳಿಗಳಲ್ಲಿ ಒಂದಾಗಿದೆ. ಅದನ್ನು ತಿನ್ನುವ ಕೋಟ್ಯಂತರ ಜನರಿಗೆ ಬರ್ಬ್ಯಾಂಕನ ಹೆಸರು ತಿಳಿಯದು.

ಉದುರಿಹೋದ ಒಂದು ಕಾಯಿಯನ್ನು ಮಣ್ಣಿನಲ್ಲಿ ಹುಡುಕಿದ ತರುಣನನ್ನು ನೆನೆಯುವಾಗ, ಬರೆದಿಡದೆ ಹೋದ ಅವನ ಅನುಭವವನ್ನೂ ನಾವು ನೆನೆಯಬೇಕು. ನಿಮ್ಮ ಊರಿನಲ್ಲಿಯೂ ಕಸಿಕಟ್ಟುವುದರಲ್ಲಿ ಪಳಗಿದ ತೋಟಗಾರನೊಬ್ಬನಿರಬಹುದು. ಹಳೆಯ ತಳಿಯ ಬೀಜವನ್ನು ಮಡಕೆಯಲ್ಲಿ ಕಾಪಾಡಿಕೊಂಡು ಬಂದ ಅಜ್ಜಿಯಿರಬಹುದು. ಅವರ ಬಳಿ ಹೋಗಿ, ಕೇಳಿ, ಕಂಡದ್ದನ್ನು ಒಂದು ಪುಸ್ತಕದಲ್ಲಿ ಬರೆದಿಡಿರಿ.

ಅಭ್ಯಾಸ

1. ಗಡ್ಡೆಯಿಂದ ಬೆಳೆದ ಗಿಡಕ್ಕೂ ಬೀಜದಿಂದ ಬೆಳೆದ ಗಿಡಕ್ಕೂ ಇರುವ ವ್ಯತ್ಯಾಸವೇನು?
2. ಬರ್ಬ್ಯಾಂಕನು ಒಂದೇ ವರ್ಷದಲ್ಲಿ ಸಾವಿರಾರು ಪ್ರೂನ್ ಸಸಿಗಳನ್ನು ಸಿದ್ಧಪಡಿಸಿದ ಬಗೆಯನ್ನು ವಿವರಿಸಿರಿ.
3. ಮುಳ್ಳಿಲ್ಲದ ಪಾಪಾಸುಕಳ್ಳಿಯು ಜನರ ನಿರೀಕ್ಷೆಯನ್ನು ಏಕೆ ಈಡೇರಿಸಲಿಲ್ಲ?
4. ಬರ್ಬ್ಯಾಂಕ್ ಮತ್ತು ಮೆಂಡೆಲ್ ಇವರ ಕಾರ್ಯವಿಧಾನಗಳನ್ನು ಹೋಲಿಸಿರಿ.
5. ನಿಮ್ಮ ಊರಿನಲ್ಲಿ ಬೆಳೆಯುವ ಒಂದು ಹಳೆಯ ತಳಿಯ ವಿವರಗಳನ್ನು ಹಿರಿಯರಿಂದ ಕೇಳಿ ಬರೆಯಿರಿ.