ಪರರ ಆಟ, ನಮ್ಮ ದುಡಿಮೆ: ವೆಚ್ಚವೋ, ಆಸ್ತಿಯೋ?

ದೊಡ್ಡ ಯಂತ್ರದ ವಿಡಿಯೋ ಗೇಮನ್ನು ಅಂಗೈಯಲ್ಲಿ ಹಿಡಿಯುವ ಯಂತ್ರಕ್ಕೆ ತರುವುದೆಂದರೆ ಅದೇ ಸರಕನ್ನು ಸಣ್ಣ ಪೊಟ್ಟಣದಲ್ಲಿ ತುಂಬಿದಂತಲ್ಲ. 2004ರಲ್ಲಿ ಪ್ಲೇಸ್ಟೇಷನ್ 2ಕ್ಕೆ ಬಂದ ‘ಕಿಲ್‌ಜೋನ್’, ಆಟಗಾರನು ಪಾತ್ರದ ಕಣ್ಣಿನಿಂದಲೇ ನೋಡಿ ಗುಂಡು ಹಾರಿಸುವ ಆಟ. ಸೋನಿಯ ಕೈಯಂತ್ರವಾದ ಪಿಎಸ್‌ಪಿಯಲ್ಲಿ ನಡೆಯಲೊಂದು, ಗುರಿಯಿಡಲೊಂದು ಎಂದು ಎರಡು ಸ್ಟಿಕ್‌ಗಳಿರಲಿಲ್ಲ, ಇದ್ದುದು ಒಂದೇ. ಆ ಯಂತ್ರಕ್ಕೆ 2006ರಲ್ಲಿ ಬಂದ ‘ಕಿಲ್‌ಜೋನ್: ಲಿಬರೇಷನ್’ ಮೇಲಿನಿಂದ ನೋಡುವ ಆಟವಾಗಿ ಹೊಸದಾಗಿ ರಚಿತವಾಯಿತು. ಎರಡು ಸ್ಟಿಕ್‌ಗಳುಳ್ಳ ಪಿಎಸ್ ವೀಟಾಕ್ಕೆ 2013ರಲ್ಲಿ ಬಂದ ‘ಮರ್ಸಿನರಿ’ಯಲ್ಲಿ ಮೂಲ ಶೈಲಿ ಮರಳಿತು.

ಇಂಥ ಪುನಾರಚನೆಗೆ ತಗಲುವ ಸಂಬಳವನ್ನು ಲೆಕ್ಕದಲ್ಲಿ ಎಲ್ಲಿ ಬರೆಯಬೇಕು? ಹಕ್ಕು ಯಾರದೆಂಬುದೇ ಉತ್ತರ. ಜಯನಗರದ ಘಟಕವೊಂದು ವಿದೇಶಿ ಮಾಲೀಕನಿಗಾಗಿ ಮಾಡಿಕೊಟ್ಟರೆ ಅದು ಕಾರ್ಖಾನೆಯ ಜಾಬ್ ವರ್ಕ್‌ನಂತೆ: ಶುಲ್ಕ ಆದಾಯ, ಸಂಬಳ ವೆಚ್ಚ. ಅದನ್ನು ಆಸ್ತಿಯೆಂದು ತೋರಿಸಿದರೆ ಲಾಭ ಹುಸಿಯಾಗಿ ಉಬ್ಬುತ್ತದೆ. ಹಕ್ಕು ಸ್ವಂತದ್ದಾದರೆ ಅಕೌಂಟಿಂಗ್ ಸ್ಟ್ಯಾಂಡರ್ಡ್ 26ರಂತೆ ಸಂಶೋಧನಾ ಹಂತದ ಖರ್ಚು ಲಾಭ-ನಷ್ಟ ಖಾತೆಗೆ ಹೋಗುತ್ತದೆ. ತಾಂತ್ರಿಕ ಸಾಧ್ಯತೆ, ಮಾರುವ ಉದ್ದೇಶ, ಸಂಪನ್ಮೂಲ, ಭಾವೀ ಆದಾಯ ಮುಂತಾದುವನ್ನು ತೋರಿಸಬಲ್ಲ ಹಂತದಿಂದ ಮಾಡಿದ ಅಭಿವೃದ್ಧಿ ವೆಚ್ಚ ಮಾತ್ರ ಅಮೂರ್ತ ಆಸ್ತಿ.

ರಾಜೇಶ್ ರಾವ್ ಅವರು 1997ರಲ್ಲಿ ಬೆಂಗಳೂರಿನಲ್ಲಿ ಸ್ಥಾಪಿಸಿದ ಧ್ರುವ ಇಂಟರಾಕ್ಟಿವ್, ವಿದೇಶಿ ಕಂಪನಿಗಳ ಆಟಗಳಿಗೆ ಚಿತ್ರಕಲೆ ಒದಗಿಸಿ ಬೆಳೆಯಿತು. 2019ರಲ್ಲಿ ರಾಕ್‌ಸ್ಟಾರ್ ಸಂಸ್ಥೆಯ ಪಾಲಾಯಿತು. ಪರರಿಗಾಗಿ ದುಡಿದ ಪರಿಣತಿಗೂ ಬೆಲೆಯುಂಟು; ಆದರೆ ಅದು ಆಟದ ಹಕ್ಕಿಗೆ ಸಮನಲ್ಲ.

ಆದುದರಿಂದ ಕರಾರಿಗೆ ಸಹಿ ಹಾಕುವ ಮುನ್ನ ಹಕ್ಕುಸ್ವಾಮ್ಯ, ರಾಯಲ್ಟಿ, ಹೆಚ್ಚುವರಿ ಬದಲಾವಣೆಯ ದರ, ಈ ಮೂರನ್ನೂ ಬರವಣಿಗೆಯಲ್ಲಿ ಪಡೆದಿಟ್ಟುಕೊಳ್ಳುವುದು ಕ್ಷೇಮಕರ.