ಜಪಾನಿನ ಚಹದ ವ್ಯಾಪಾರ: ಎಲೆಯಿಂದ ಸೀಸೆಗೆ, ಸೀಸೆಯಿಂದ ಪುಡಿಗೆ

ಬೆಳೆಯಿಂದ ತಯಾರಾದ ಪದಾರ್ಥವು ಹೆಚ್ಚಾಗಿ ಮಾರಾಟವಾದರೆ ಬೆಳೆದವನಿಗೂ ಲಾಭವು ಹೆಚ್ಚುವುದೆಂದು ಸಾಮಾನ್ಯವಾಗಿ ಎಲ್ಲರೂ ತಿಳಿಯುವರು. ಈ ತಿಳಿವಳಿಕೆಯು ಎಲ್ಲಾ ಕಾಲಕ್ಕೂ ಸರಿಯಾದುದಲ್ಲ. ಜಪಾನು ದೇಶದಲ್ಲಿ ಕಳೆದ ನಾಲ್ವತ್ತು ವರ್ಷಗಳಿಂದ ಹಸುರು ಚಹದ ಪಾನೀಯವು ಡಬ್ಬಿಗಳಲ್ಲಿಯೂ ಸೀಸೆಗಳಲ್ಲಿಯೂ ತುಂಬಲ್ಪಟ್ಟು ಬೀದಿಬೀದಿಯಲ್ಲಿ ಮಾರಾಟವಾಗುತ್ತ ಬಂದಿದೆ. ಆದರೆ 1980ನೆಯ ಇಸವಿಯಲ್ಲಿ ಸುಮಾರು 1,50,000 ಎಕರೆಗಳಷ್ಟಿದ್ದ ಆ ದೇಶದ ಚಹದ ತೋಟಗಳು 2023ರ ವೇಳೆಗೆ ಸುಮಾರು 89,000 ಎಕರೆಗಳಿಗೆ ಇಳಿದವು. 2000ದಲ್ಲಿ ಚಹದ ಬೆಳೆಗಾರರ ಕುಟುಂಬಗಳು 53,000ಕ್ಕೂ ಹೆಚ್ಚಾಗಿದ್ದವು. 2020ರಲ್ಲಿ ಅವುಗಳಲ್ಲಿ ಉಳಿದವು ಕಾಲು ಪಾಲಿಗಿಂತಲೂ ಕಡಿಮೆ. ಪಾನೀಯವು ಬೆಳೆದು ತೋಟವು ಕುಗ್ಗಿದುದು ಹೇಗೆಂಬುದನ್ನು ಭೂಮಾಲೀಕರೂ ಗ್ರಾಮದ ಮುಖಂಡರೂ ತಿಳಿದುಕೊಳ್ಳುವುದು ಪ್ರಯೋಜನಕರವಾದುದು.

ಹಿಂದಿನ ಪದ್ಧತಿ

ಜಪಾನಿನ ಹಸುರು ಚಹವೂ ಇತರ ದೇಶಗಳ ಕಪ್ಪು ಚಹವೂ ಒಂದೇ ಜಾತಿಯ ಗಿಡದಿಂದ ಬರುವುವು. ಎಲೆಯನ್ನು ಕಿತ್ತ ಕೂಡಲೆ ಹಬೆಯಲ್ಲಿ ಬೇಯಿಸಿ, ಅದು ಕಪ್ಪಾಗದಂತೆ ತಡೆದು, ಹೊಸೆದು ಒಣಗಿಸುವುದೇ ಹಸುರು ಚಹವನ್ನು ಮಾಡುವ ಕ್ರಮ. ಹೀಗೆ ಸಿದ್ಧವಾದ ಸಾಧಾರಣ ಎಲೆಗೆ ಸೆಂಚ ಎಂದು ಹೆಸರು. ಏಪ್ರಿಲ್ ಮೇ ತಿಂಗಳುಗಳಲ್ಲಿ ಮೊದಲನೆಯ ಕೊಯ್ಲು, ಜೂನ್ ತಿಂಗಳಿನಲ್ಲಿ ಎರಡನೆಯದು, ಬೇಸಗೆಯ ಕೊನೆಗೆ ಮೂರನೆಯದು, ಶರತ್ಕಾಲದಲ್ಲಿ ಒರಟಾದ ಎಲೆಯ ಕೊಯ್ಲು. ಹೀಗೆ ಒಂದೇ ಗಿಡದಿಂದ ವರ್ಷಕ್ಕೆ ಮೂರು ನಾಲ್ಕು ಸಲ ಫಸಲು ಸಿಕ್ಕುವುದು. ಚಳಿಗಾಲವೆಲ್ಲಾ ಗಿಡವು ಕೂಡಿಟ್ಟುಕೊಂಡ ಸಾರವು ಮೊದಲನೆಯ ಚಿಗುರಿನಲ್ಲಿರುವುದರಿಂದ ಅದಕ್ಕೆ ರುಚಿಯೂ ಹೆಚ್ಚು, ಬೆಲೆಯೂ ಹೆಚ್ಚು. ಆಮೇಲಿನ ಎಲೆಗಳು ಕ್ರಮವಾಗಿ ಅಗ್ಗವಾಗುತ್ತ ಹೋಗುವುವು.

ಹಿಂದೆ ಜಪಾನೀಯರ ಮನೆಗಳಲ್ಲಿ ಎಲೆಯನ್ನು ಕೊಂಡು ತಂದು ಚಿಕ್ಕ ಹೂಜಿಯಲ್ಲಿ ಬಿಸಿನೀರನ್ನು ಹೊಯ್ದು ಚಹವನ್ನು ಇಳಿಸುವುದು ವಾಡಿಕೆಯಾಗಿದ್ದಿತು. ಅತಿಥಿಗಳಿಗೆ ಕೊಡುವುದಕ್ಕೂ ಉಡುಗೊರೆಯಾಗಿ ಕಳುಹಿಸುವುದಕ್ಕೂ ಹೊಸ ಚಿಗುರಿನ ಚಹವೇ ಬೇಕಾಗಿದ್ದಿತು. ಆದುದರಿಂದ ಬೆಳೆಗಾರನು ಮೊದಲನೆಯ ಕೊಯ್ಲಿನ ಹಣದಿಂದಲೇ ವರ್ಷದ ಖರ್ಚಿನ ಬಹುಭಾಗವನ್ನು ತೂಗಿಸಿಕೊಳ್ಳುತ್ತಿದ್ದನು. ಗೊಬ್ಬರದ ಸಾಲವೂ ಯಂತ್ರದ ಕಂತೂ ಆ ಹಣವನ್ನೇ ನೆಚ್ಚಿಕೊಂಡಿದ್ದವು.

ಡಬ್ಬಿಯೂ ಸೀಸೆಯೂ ಬಂದ ಬಗೆ

ಕೂಡಲೇ ಕುಡಿಯುವಂತೆ ಸಿದ್ಧಪಡಿಸಿದ ಪಾನೀಯವನ್ನು ಕೊಳ್ಳುವ ಅಭ್ಯಾಸವು ಜಪಾನಿನಲ್ಲಿ ಹರಡಿದುದಕ್ಕೆ ಕಾಫಿಯೂ ಒಂದು ಕಾರಣ. 1969ರಲ್ಲಿ ಯು.ಸಿ.ಸಿ. ಎಂಬ ಕಂಪೆನಿಯು ಹಾಲು ಬೆರೆಸಿದ ಕಾಫಿಯನ್ನು ಡಬ್ಬಿಯಲ್ಲಿ ಮಾರಲು ತೊಡಗಿತು. ನಾಣ್ಯ ಹಾಕಿದರೆ ಪಾನೀಯವನ್ನು ಕೊಡುವ ಯಂತ್ರಗಳು ಆ ಮೇಲಿನ ವರ್ಷಗಳಲ್ಲಿ ರೈಲ್ವೆ ನಿಲ್ದಾಣಗಳಲ್ಲಿಯೂ ಬೀದಿಗಳಲ್ಲಿಯೂ ಹೆಚ್ಚಿದವು. ಒಂದೇ ಯಂತ್ರದಿಂದ ಬಿಸಿಯನ್ನೂ ತಂಪನ್ನೂ ಕೊಡುವ ಏರ್ಪಾಡಾಯಿತು. 1974ರಲ್ಲಿ ಟೋಕಿಯೋ ನಗರದಲ್ಲಿ ಸೆವೆನ್ ಇಲೆವೆನ್ ಎಂಬ ಅಂಗಡಿಯು ಪ್ರಾರಂಭವಾಯಿತು. ಅಂತಹ ಅಂಗಡಿಗಳು ಊರೂರಿಗೆ ಹಬ್ಬಿ, ಬುತ್ತಿಯ ಅನ್ನವನ್ನು ಅಲ್ಲಿಯೇ ಕೊಂಡು ಊಟ ಮಾಡುವವರ ಸಂಖ್ಯೆಯು ಬೆಳೆಯಿತು. ಅನ್ನಕ್ಕೆ ಸಿಹಿಯಾದ ಪಾನೀಯವು ಒಗ್ಗುವುದಿಲ್ಲವಾಗಿ ಸಕ್ಕರೆಯಿಲ್ಲದ ಚಹಕ್ಕೆ ಅವಕಾಶವು ದೊರೆಯಿತು.

ಮನೆಯಲ್ಲಿ ಕಾಸಿಲ್ಲದೆ ಸಿಕ್ಕುವ ಚಹಕ್ಕೆ ಹಣ ಕೊಡುವವರು ಯಾರೆಂದು ಮೊದಲು ಅನೇಕರಿಗೆ ಸಂದೇಹವಿದ್ದಿತು. 1981ರಲ್ಲಿ ಇಟೊ ಎನ್ ಎಂಬ ಕಂಪೆನಿಯು ಚೀನಾ ದೇಶದ ಊಲಾಂಗ್ ಚಹವನ್ನು ಡಬ್ಬಿಯಲ್ಲಿ ಮಾರಿ ಆ ಸಂದೇಹವನ್ನು ನಿವಾರಿಸಿತು. ಹಸುರು ಚಹವನ್ನು ಡಬ್ಬಿಗೆ ತುಂಬುವುದು ಮಾತ್ರ ಕಷ್ಟವಾಗಿದ್ದಿತು. ಗಾಳಿ ತಗುಲಿದರೆ ಅದರ ಬಣ್ಣವು ಕಂದುವುದು. ಕೆಡದಂತೆ ಕಾಯಿಸಿದರೆ ಬೇಯಿಸಿದ ಗೆಣಸಿನ ವಾಸನೆ ಬರುವುದು. ಡಬ್ಬಿಯೊಳಗಿನ ಗಾಳಿಯನ್ನು ಹೊರಗಟ್ಟಿ ಅದರ ಬದಲಾಗಿ ನೈಟ್ರೋಜನ್ ಅನಿಲವನ್ನು ತುಂಬುವ ಕ್ರಮದಿಂದ ಈ ತೊಂದರೆಯನ್ನು ನೀಗಿಸಿ ಅದೇ ಕಂಪೆನಿಯವರು 1985ರಲ್ಲಿ ಹಸುರು ಚಹವನ್ನು ಮಾರಾಟಕ್ಕೆ ತಂದರು. 1989ರಲ್ಲಿ ಅದಕ್ಕೆ ‘ಓಯ್ ಓಚ’ ಎಂದು ಹೆಸರಿಟ್ಟರು. ಮನೆಯ ಯಜಮಾನನು ‘ಏಯ್, ಚಹ ತಾ’ ಎಂದು ಕೂಗುವ ಮಾತೇ ಇದು. 1990ರಲ್ಲಿ ಒಂದೂವರೆ ಲೀಟರಿನ ಪ್ಲಾಸ್ಟಿಕ್ ಸೀಸೆಯೂ, 1996ರಲ್ಲಿ ಕೈಯಲ್ಲಿ ಹಿಡಿದು ಹೋಗುವ ಅರ್ಧ ಲೀಟರಿನ ಸೀಸೆಯೂ ಬಂದವು. ಇತರ ದೊಡ್ಡ ಕಂಪೆನಿಗಳು ಸುಮ್ಮನಿರಲಿಲ್ಲ. 2000ದಲ್ಲಿ ಕಿರಿನ್ ಕಂಪೆನಿಯ ‘ನಾಮಚ’, 2004ರಲ್ಲಿ ಕಿಯೋಟೋ ಪ್ರಾಂತದ ಹಳೆಯ ಚಹ ವರ್ತಕರೊಡನೆ ಕೂಡಿ ಸಂಟೋರಿ ಕಂಪೆನಿಯು ಹೊರತಂದ ‘ಇಯೆಮೊನ್’, 2007ರಲ್ಲಿ ಕೋಕಾ ಕೋಲಾದವರ ‘ಅಯತಕ’ ಇವು ಒಂದಾದ ಮೇಲೊಂದರಂತೆ ಪೈಪೋಟಿಗಿಳಿದವು.

ಬೆಳೆಗಾರನಿಗೆ ಆದ ಪರಿಣಾಮ

ಸೀಸೆಯ ಮಾರಾಟವು ಹೆಚ್ಚಾದಂತೆ ಎಲೆಯ ಕೊಳ್ಳುಗೆಯೂ ಮೊದಲು ಹೆಚ್ಚಿತು. ಆದರೆ ಕಾರ್ಖಾನೆಗೆ ಬೇಕಾದುದು ಎಂತಹ ಎಲೆ ಎಂಬುದನ್ನು ಇಲ್ಲಿ ವಿಚಾರಿಸಬೇಕು. ಸೀಸೆಗೆ ತುಂಬುವ ಚಹವನ್ನು ಹೆಚ್ಚಿನ ಶಾಖದಲ್ಲಿ ಕಾಯಿಸಬೇಕಾದುದರಿಂದ ಎಳೆಯ ಚಿಗುರಿನ ನವುರಾದ ಪರಿಮಳವು ಅದರಲ್ಲಿ ಪೂರ್ತಿಯಾಗಿ ನಿಲ್ಲುವುದಿಲ್ಲ. ಸೀಸೆಯ ಬೆಲೆಯನ್ನು ಪೈಪೋಟಿಯು ಕಟ್ಟಿಹಾಕಿರುವುದರಿಂದ ಕಾರ್ಖಾನೆಯವರು ಎಲೆಗೆ ಹೆಚ್ಚು ಹಣ ಕೊಡಲಾರರು. ಆದುದರಿಂದ ಅವರು ಹೆಚ್ಚಾಗಿ ಕೊಂಡುದು ಎರಡನೆಯ ಮತ್ತು ಮೂರನೆಯ ಕೊಯ್ಲಿನ ಹಾಗೂ ಶರತ್ಕಾಲದ ಅಗ್ಗವಾದ ಎಲೆಯನ್ನು.

ಇತ್ತ ಮನೆಗಳಲ್ಲಿ ಹೂಜಿಯ ಬಳಕೆಯು ಕಡಿಮೆಯಾಯಿತು. 2000ದಿಂದ ಈಚಿನ ಮೊದಲ ಹತ್ತು ವರ್ಷಗಳೊಳಗಾಗಿಯೇ ಜಪಾನೀ ಕುಟುಂಬವು ಸಿದ್ಧವಾದ ಚಹಕ್ಕೆ ಕೊಡುವ ಹಣವು ಎಲೆಗೆ ಕೊಡುವ ಹಣವನ್ನು ಮೀರಿತು. ಉಡುಗೊರೆಯ ಚಹವೂ ಇಳಿಯಿತು. ಹೀಗೆ, ಬೆಳೆಗಾರನ ಸಂಸಾರವನ್ನು ಹೊತ್ತಿದ್ದ ಮೊದಲನೆಯ ಕೊಯ್ಲಿಗೆ ಗಿರಾಕಿ ಕುಗ್ಗಿ, ಹೆಚ್ಚು ಲಾಭ ತಾರದ ಕೊನೆಯ ಕೊಯ್ಲುಗಳಿಗೆ ಗಿರಾಕಿ ಬೆಳೆಯಿತು. ಚಹ ಕುಡಿಯುವವರು ಚಹವನ್ನು ಬಿಟ್ಟವರಲ್ಲ. ಆದರೂ ಬೆಳೆಗಾರನ ಕೈಗೆ ಬರುವ ಹಣವು ಇಳಿಯಿತು.

ಎರಡು ಪ್ರಾಂತಗಳ ಹೋಲಿಕೆ

ಈ ಮಾರ್ಪಾಟು ಎಲ್ಲರಿಗೂ ಒಂದೇ ಬಗೆಯಾಗಿ ತಟ್ಟಲಿಲ್ಲ. ಫೂಜಿ ಪರ್ವತದ ಸೀಮೆಯಾದ ಷಿಜುವೊಕ ಪ್ರಾಂತವು ಬಹುಕಾಲದಿಂದ ಜಪಾನಿನ ಚಹದ ಮುಖ್ಯ ನೆಲೆ. ಅಲ್ಲಿ ಅನೇಕ ತೋಟಗಳು ಬೆಟ್ಟದ ಇಳಿಜಾರಿನಲ್ಲಿರುವ ತುಂಡು ಹಿಡುವಳಿಗಳು. ಅಂತಹ ಕಡೆ ಇಬ್ಬರು ಆಳುಗಳು ಸಾಲಿನ ಎರಡು ಪಕ್ಕಗಳಲ್ಲಿ ನಿಂತು ಹಿಡಿದು ನಡೆಸುವ ಯಂತ್ರದಿಂದಲೇ ಕೊಯ್ಲಾಗಬೇಕು. ತಳಿಯಾದರೂ ಬಹುಮಟ್ಟಿಗೆ ಒಂದೇ. ಸುಗಿಯಾಮ ಹಿಕೊಸಬುರೊ ಎಂಬವರು 1908ರಲ್ಲಿ ಆರಿಸಿದ ‘ಯಬುಕಿತ’ ಎಂಬ ಉತ್ತಮ ತಳಿಯು ರುಚಿಯಲ್ಲಿಯೂ ಇಳುವರಿಯಲ್ಲಿಯೂ ಮೇಲಾದುದರಿಂದ ಆ ಪ್ರಾಂತದಲ್ಲಿ ಹತ್ತರಲ್ಲಿ ಒಂಬತ್ತು ಪಾಲಿನಷ್ಟು ಭೂಮಿಯನ್ನು ಆವರಿಸಿತು. ಒಂದೇ ತಳಿಯ ಚಿಗುರು ಒಂದೇ ಕಾಲದಲ್ಲಿ ಬಲಿಯುವುದರಿಂದ ಆಳುಗಳಿಗೂ ಕಾರ್ಖಾನೆಗೂ ಕೆಲವೇ ದಿನಗಳಲ್ಲಿ ನೂಕುನುಗ್ಗಲು. ಉಳಿದ ಕಾಲದಲ್ಲಿ ಯಂತ್ರವು ಸುಮ್ಮನೆ ನಿಂತಿರುವುದು.

ದಕ್ಷಿಣದ ಕಾಗೋಷಿಮ ಪ್ರಾಂತದಲ್ಲಿ ಜ್ವಾಲಾಮುಖಿಯ ಬೂದಿಯಿಂದಾದ ಸಮತಟ್ಟಾದ ಬಯಲುಗಳಿವೆ. ಅಲ್ಲಿಯ ಬೆಳೆಗಾರರು ಸಾಲುಗಳನ್ನು ನೇರವಾಗಿಯೂ ಉದ್ದವಾಗಿಯೂ ಮಾಡಿ, ಒಬ್ಬನೇ ಕುಳಿತು ನಡೆಸುವ ದೊಡ್ಡ ಕೊಯ್ಲು ಯಂತ್ರಗಳನ್ನು ತಂದರು. ಬೇಗ ಚಿಗುರುವ ‘ಯೂತಕ ಮಿದೋರಿ’ ಮತ್ತು ‘ಸಾಯೆ ಮಿದೋರಿ’, ತಡವಾಗಿ ಚಿಗುರುವ ‘ಓಕು ಮಿದೋರಿ’ ಮುಂತಾದ ನಾನಾ ತಳಿಗಳನ್ನು ಯಬುಕಿತದೊಡನೆ ಬೆಳೆದುದರಿಂದ ಕೊಯ್ಲು ಹಲವು ವಾರಗಳಿಗೆ ಹರಡಿ ಯಂತ್ರಕ್ಕೆ ತಕ್ಕಷ್ಟು ಕೆಲಸವು ದೊರೆಯಿತು. ಅಗ್ಗದ ಎಲೆಯನ್ನು ಕಡಿಮೆ ಖರ್ಚಿನಲ್ಲಿ ಒದಗಿಸುವ ಶಕ್ತಿಯು ಅವರಿಗೆ ಬಂದಿತು. ಕೊನೆಗೆ 2024ರಲ್ಲಿ ಕಾಗೋಷಿಮದಲ್ಲಿ ಸುಮಾರು 27,000 ಟನ್ನು, ಷಿಜುವೊಕದಲ್ಲಿ ಸುಮಾರು 25,800 ಟನ್ನು ಚಹವು ತಯಾರಾಯಿತು. ಷಿಜುವೊಕವು ಮೊದಲನೆಯ ಸ್ಥಾನವನ್ನು ಕಳೆದುಕೊಂಡುದು ಅದೇ ಮೊದಲು.

ಕರಾರಿನ ಬೇಸಾಯ

ಹರಾಜು ಕಟ್ಟೆಯ ಏರಿಳಿತವನ್ನು ತಪ್ಪಿಸಿಕೊಳ್ಳಲು ಕೆಲವರು ಬೇರೊಂದು ದಾರಿಯನ್ನು ಹಿಡಿದರು. ಇಟೊ ಎನ್ ಕಂಪೆನಿಯು 1976ರಿಂದಲೇ ಬೆಳೆಗಾರರೊಡನೆ ಕರಾರು ಮಾಡಿಕೊಳ್ಳಲು ತೊಡಗಿದ್ದಿತು. 2001ರಿಂದ ಮಿಯಝಕಿ ಪ್ರಾಂತದಲ್ಲಿಯೂ ಆಮೇಲೆ ಇತರ ಪ್ರಾಂತಗಳಲ್ಲಿಯೂ, ಬೇಸಾಯಗಾರರಿಲ್ಲದೆ ಪಾಳು ಬಿದ್ದಿದ್ದ ಭೂಮಿಯನ್ನು ಒಟ್ಟುಗೂಡಿಸಿ ದೊಡ್ಡ ತೋಟಗಳನ್ನು ಮಾಡಿಸುವ ಯೋಜನೆಯನ್ನು ನಡೆಸಿತು. ತೋಟವನ್ನು ನಡೆಸುವವರು ಸ್ಥಳೀಯರು. ಸಾಗುವಳಿಯ ತಿಳಿವಳಿಕೆಯನ್ನು ಕೊಡುವವರೂ ಬಂದ ಎಲೆಯೆಲ್ಲವನ್ನೂ ಕೊಳ್ಳುವವರೂ ಕಂಪೆನಿಯವರು. ಆ ದೇಶದ ಒಟ್ಟು ಚಹದ ಎಲೆಯಲ್ಲಿ ಸುಮಾರು ಕಾಲು ಪಾಲು ಈ ಒಂದು ಕಂಪೆನಿಯ ಕೈಗೇ ಹೋಗುವುದು.

ಇಂತಹ ಕರಾರಿನಿಂದ ಮುಂದಿನ ವರ್ಷದ ವರಮಾನವನ್ನು ಇಂದೇ ಲೆಕ್ಕ ಹಾಕಬಹುದು. ಅದನ್ನು ನಂಬಿ ಯಂತ್ರವನ್ನು ಕೊಳ್ಳಬಹುದು. ಆದರೆ ಪೇಟೆಯ ಬೆಲೆಯು ಫಕ್ಕನೆ ಏರಿದಾಗ ಆ ಏರಿಕೆಯ ಪೂರ್ಣ ಲಾಭವು ಕರಾರಿಗೆ ಒಳಪಟ್ಟವನಿಗೆ ಸಿಕ್ಕದೆ ಹೋಗಬಹುದು. ಕೊಳ್ಳುವವನು ಒಬ್ಬನೇ ಆದಲ್ಲಿ ಅವನ ಲೆಕ್ಕಾಚಾರ ಬದಲಾದರೆ ತೋಟದ ಗತಿಯೂ ಬದಲಾಗುವುದು. ಕರಾರು ಒಳ್ಳೆಯದೋ ಕೆಟ್ಟದೋ ಎಂಬುದು ಅದರ ಅವಧಿಯನ್ನೂ ಬೆಲೆಯನ್ನು ಗೊತ್ತು ಮಾಡುವ ಕ್ರಮವನ್ನೂ ಅವಲಂಬಿಸಿರುವುದು.

ಪುಡಿ ಚಹಕ್ಕೆ ಬಂದ ಗಿರಾಕಿ

ಈಚಿನ ವರ್ಷಗಳಲ್ಲಿ ಗಾಳಿಯು ಮತ್ತೊಂದು ಕಡೆಗೆ ತಿರುಗಿದೆ. ಮಚ್ಚ ಎಂಬ ಪುಡಿ ಚಹವನ್ನು ಹಾಲಿನೊಡನೆಯೂ ಐಸ್‌ಕ್ರೀಮು ಮುಂತಾದ ತಿಂಡಿಗಳೊಡನೆಯೂ ಬೆರೆಸಿ ಸೇವಿಸುವ ಅಭ್ಯಾಸವು ಅಮೆರಿಕಾ, ಯೂರೋಪು ಮುಂತಾದ ಖಂಡಗಳಲ್ಲಿ ಬಲವಾಗಿ ಹಬ್ಬಿದೆ. ಈ ಪುಡಿಗೆ ಬೇಕಾದ ಎಲೆಗೆ ತೆಂಚ ಎಂದು ಹೆಸರು. ಕೊಯ್ಲಿಗೆ ಮುಂಚೆ ಸುಮಾರು ಇಪ್ಪತ್ತು ದಿನಗಳ ಕಾಲ ಗಿಡಗಳಿಗೆ ನೆರಳಿನ ಹೊದಿಕೆಯನ್ನು ಹಾಕಬೇಕು. ಇದರಿಂದ ಎಲೆಯ ಹಸುರು ಹೆಚ್ಚಿ ಒಗರು ತಗ್ಗುವುದು. ಬೇಯಿಸಿದ ಎಲೆಯನ್ನು ಹೊಸೆಯದೆ ಇದಕ್ಕೆಂದೇ ಕಟ್ಟಿದ ಒಲೆಮನೆಯಲ್ಲಿ ಒಣಗಿಸಿ, ದಂಟು ನರಗಳನ್ನು ತೆಗೆದು, ಬೀಸುವ ಕಲ್ಲಿನಲ್ಲಿ ಪುಡಿ ಮಾಡುವರು. ಒಂದು ಕಲ್ಲು ಒಂದು ಗಂಟೆಗೆ ಬೀಸುವುದು ಸುಮಾರು 40 ಗ್ರಾಂ ಮಾತ್ರ.

2010ರಲ್ಲಿ 1,471 ಟನ್ನಿನಷ್ಟಿದ್ದ ತೆಂಚದ ಉತ್ಪತ್ತಿಯು 2023ರಲ್ಲಿ 4,176 ಟನ್ನಿಗೆ ಏರಿತು. 2024ರಲ್ಲಿ ಜಪಾನು ಹೊರದೇಶಗಳಿಗೆ ಕಳುಹಿಸಿದ ಹಸುರು ಚಹವು 8,798 ಟನ್ನು. ಅದರ ಕ್ರಯವು ಸುಮಾರು 3,640 ಕೋಟಿ ಯೆನ್. ಆ ವರ್ಷದ ಶರತ್ಕಾಲದಲ್ಲಿ ಕಿಯೋಟೋ ಸೀಮೆಯ ಹೆಸರಾಂತ ಅಂಗಡಿಗಳು ಒಬ್ಬೊಬ್ಬ ಗಿರಾಕಿಗೆ ಇಷ್ಟೇ ಎಂದು ಮಿತಿ ಹಾಕಬೇಕಾಯಿತು. 2025ರ ವಸಂತದಲ್ಲಿ ಕಿಯೋಟೋ ಹರಾಜಿನಲ್ಲಿ ತೆಂಚದ ಸರಾಸರಿ ಬೆಲೆಯು ಕಿಲೋ ಒಂದಕ್ಕೆ 8,000 ಯೆನ್ನನ್ನು ಮೀರಿತು. ಸೆಂಚದಿಂದ ತೆಂಚಕ್ಕೆ ಬದಲಾಯಿಸುವವರಿಗೆ ಸರಕಾರವೂ ಪ್ರೋತ್ಸಾಹ ಕೊಡಲು ತೊಡಗಿತು.

ಬೆಳೆಗಾರರು ತೆಂಚದ ಕಡೆಗೆ ತಿರುಗಿದುದರಿಂದ ಸೀಸೆಯ ಚಹಕ್ಕೆ ಬೇಕಾದ ಸಾಧಾರಣ ಎಲೆಗೇ ಅಭಾವವುಂಟಾಗಿ, 2025ರಲ್ಲಿ ಅಗ್ಗದ ಎಲೆಯ ಬೆಲೆಯೂ ಬಹಳವಾಗಿ ಏರಿತು. ಬಹುಕಾಲ ಕೊಳ್ಳುವವನ ಮಾತೇ ನಡೆದ ಪೇಟೆಯಲ್ಲಿ ಬೆಳೆಗಾರನ ಮಾತಿಗೂ ತೂಕ ಬಂದಿತು. ಆದರೆ ಅಷ್ಟರಲ್ಲಿ ಅನೇಕರು ತೋಟವನ್ನು ಬಿಟ್ಟುಹೋಗಿದ್ದರು. ಮಕ್ಕಳು ಪಟ್ಟಣಗಳಲ್ಲಿ ಬೇರೆ ಉದ್ಯೋಗ ಹಿಡಿದಿದ್ದರು. ಬಿಟ್ಟ ತೋಟವು ಮರಳಿ ಬರುವುದು ಸುಲಭವಲ್ಲ. ಹೊಸ ಸಸಿಯಿಂದ ಸರಿಯಾದ ಕೊಯ್ಲು ದೊರೆಯಲು ನಾಲ್ಕೈದು ವರ್ಷಗಳು ಬೇಕು. ಹೊದಿಕೆಗೂ ಒಲೆಮನೆಗೂ ದೊಡ್ಡ ಬಂಡವಾಳ ಬೇಕು. ನೆರಳಿನಿಂದ ಬಳಲಿದ ಗಿಡಕ್ಕೆ ಗೊಬ್ಬರವೂ ವಿಶ್ರಾಂತಿಯೂ ಬೇಕು. ಆ ನಾಲ್ಕೈದು ವರ್ಷಗಳಲ್ಲಿ ಹೊರದೇಶದ ರುಚಿಯು ಬದಲಾದರೆ ಬಂಡವಾಳ ಹಾಕಿದವನಿಗೆ ಸಾಲವೇ ಉಳಿಯುವುದು.

ಗಮನಿಸತಕ್ಕ ಅಂಶಗಳು

ಮೇಲಿನ ಸಂಗತಿಗಳಿಂದ ಯಾವ ದೇಶದ ಬೆಳೆಗಾರನಾದರೂ ಗ್ರಹಿಸಬಹುದಾದ ನೀತಿಯು ಸ್ಪಷ್ಟವಾಗಿದೆ. ಒಂದನೆಯದಾಗಿ, ಕಾರ್ಖಾನೆಯ ಸರಕು ಎಷ್ಟು ಮಾರಾಟವಾಗುತ್ತದೆಂದು ಕೇಳುವುದಕ್ಕಿಂತಲೂ, ತನ್ನ ಫಸಲಿನಲ್ಲಿ ಯಾವ ಭಾಗವನ್ನು ಯಾವ ಬೆಲೆಗೆ ಕಾರ್ಖಾನೆಯು ಕೊಳ್ಳುತ್ತದೆಂದು ಕೇಳತಕ್ಕದ್ದು. ಎರಡನೆಯದಾಗಿ, ಒಂದೇ ತಳಿಯನ್ನೂ ಒಂದೇ ಕೊಯ್ಲನ್ನೂ ನೆಚ್ಚಿಕೊಂಡಿರತಕ್ಕದ್ದಲ್ಲ. ಅದು ಎಷ್ಟು ಉತ್ತಮವಾದುದಾದರೂ ಸರಿಯೆ. ಮೂರನೆಯದಾಗಿ, ತುಂಡು ಹಿಡುವಳಿಗಳವರು ಕೂಡಿ ಯಂತ್ರವನ್ನೂ ಒಲೆಮನೆಯನ್ನೂ ಇಟ್ಟುಕೊಂಡರೆ ಖರ್ಚು ಇಳಿಯುವುದು. ಇದನ್ನು ಏರ್ಪಡಿಸುವುದು ಗ್ರಾಮದ ಮುಖಂಡರ ಕೈಯಲ್ಲಿದೆ. ನಾಲ್ಕನೆಯದಾಗಿ, ಕರಾರಿಗೆ ರುಜು ಹಾಕುವ ಮುಂಚೆ ಬೆಲೆಯು ಏರಿದಾಗ ಏನು, ಇಳಿದಾಗ ಏನು ಎಂಬೆರಡನ್ನೂ ಬರೆಯಿಸಿಕೊಳ್ಳತಕ್ಕದ್ದು. ಐದನೆಯದಾಗಿ, ಬೆಲೆಯು ಶಿಖರದಲ್ಲಿರುವಾಗ ಭೂಮಿಯೆಲ್ಲವನ್ನೂ ಹೊಸ ಬೆಳೆಗೆ ತಿರುಗಿಸದೆ, ನಷ್ಟವಾದರೂ ತಾಳಿಕೊಳ್ಳಬಹುದಾದ ಒಂದು ಭಾಗವನ್ನು ಮಾತ್ರ ತಿರುಗಿಸುವುದು ವಿವೇಕ.

ಕುಡಿಯುವವರ ರುಚಿಯು ಒಂದು ಋತುವಿನಲ್ಲಿ ಬದಲಾಗಬಹುದು. ಗಿಡವು ಫಲಕ್ಕೆ ಬರಲು ವರ್ಷಗಳು ಹಿಡಿಯುವುವು. ಈ ಅಂತರವನ್ನು ಮುಂದಾಗಿಯೇ ಲೆಕ್ಕಕ್ಕೆ ತೆಗೆದುಕೊಂಡು ನಡೆದವರ ತೋಟಗಳು ಜಪಾನಿನಲ್ಲಿ ಇಂದಿಗೂ ಹಸುರಾಗಿವೆ.