ಮನೆ ನಿವೇಶನದಲ್ಲಿ ಬಾವಿಗೆ ಜಾಗದ ಆಯ್ಕೆ

ಮನೆ ಕಟ್ಟಿಸಲು ಹೊರಟವರು ಮೊದಲು ಬಾವಿ ತೋಡಿಸುವುದು ನಮ್ಮಲ್ಲಿ ಹಿಂದಿನಿಂದ ಬಂದ ಪದ್ಧತಿ. ಕಟ್ಟಡದ ಕೆಲಸಕ್ಕೂ ನೀರಾಯಿತು, ಆಮೇಲೆ ಮನೆಯ ಬಳಕೆಗೂ ಆಯಿತು. ಪದ್ಧತಿ ಒಳ್ಳೆಯದೇ. ಆದರೆ ಬಾವಿಯ ಜಾಗ ಗೊತ್ತುಮಾಡುವ ದಿನ ಶೌಚಾಲಯದ ಗುಂಡಿ ಎಲ್ಲಿ ಬರುತ್ತದೆ, ದನದ ಕೊಟ್ಟಿಗೆ ಎಲ್ಲಿ, ತಿಪ್ಪೆ ಎಲ್ಲಿ ಎಂಬ ಮಾತು ಸಾಮಾನ್ಯವಾಗಿ ಬರುವುದೇ ಇಲ್ಲ. ನೀರು ಸಿಕ್ಕುತ್ತದೆಯೋ ಇಲ್ಲವೋ ಎಂಬುದೊಂದೇ ಚಿಂತೆ. ಮನೆಯ ಕೆಲಸ ಮುಗಿಯುವ ಹೊತ್ತಿಗೆ ಗುಂಡಿಗೆಂದು ಉಳಿದ ಮೂಲೆ ಬಾವಿಯಿಂದ ಇಪ್ಪತ್ತು ಅಡಿಯ ಒಳಗೇ ಇರುತ್ತದೆ. ಆಗ ಬಾವಿಯನ್ನೂ ಕದಲಿಸುವಂತಿಲ್ಲ, ಗುಂಡಿಗೂ ಬೇರೆ ಜಾಗವಿಲ್ಲ. ಮಳೆಗಾಲ ಬಂದೊಡನೆ ಮನೆಯ ಮಕ್ಕಳಿಗೆ ಭೇದಿ ಹಿಡಿದರೆ ಹವೆಯನ್ನೋ ತಿಂಡಿಯನ್ನೋ ದೂರುತ್ತೇವೆ.

ಮನೆಗೆ ಬೇಕಾದ ನೀರು ಎಷ್ಟು?

ಹೊಲದ ಬಾವಿಗೆ ಜಾಗ ಹುಡುಕುವ ರೀತಿಯಲ್ಲೇ ಮನೆಯ ಬಾವಿಗೂ ಹುಡುಕುವವರು ಬಹಳ ಮಂದಿ. ಇವೆರಡರ ಲೆಕ್ಕ ಬೇರೆ ಬೇರೆ. ಒಂದು ಎಕರೆಗೆ ಎರಡು ಅಂಗುಲ ನೀರು ಹಾಯಿಸಬೇಕಾದರೆ ಎರಡು ಲಕ್ಷ ಲೀಟರಿಗೂ ಹೆಚ್ಚು ನೀರು ಬೇಕು. ಅಲ್ಲಿ ಜೋರಾದ ಸೆಲೆ ಸಿಕ್ಕದಿದ್ದರೆ ಹಾಕಿದ ಹಣ ವ್ಯರ್ಥ. ಮನೆಯಲ್ಲಾದರೋ ಐದು ಜನರಿಗೆ ತಲೆಗೆ 55 ಲೀಟರಿನಂತೆ ದಿನಕ್ಕೆ 275 ಲೀಟರು ಸಾಕು. ಎರಡು ಹಸುಗಳ ಕುಡಿಯುವ ನೀರು, ಮೈತೊಳೆಯುವ ನೀರು ಸೇರಿಸಿದರೂ 500 ಲೀಟರಿನ ಸುಮಾರಿಗೆ ಬಂದು ನಿಲ್ಲುತ್ತದೆ. ಐದು ಅಡಿ ವ್ಯಾಸದ ಬಾವಿಯಲ್ಲಿ ಒಂದು ಅಡಿ ನೀರೆಂದರೆ ಸುಮಾರು 550 ಲೀಟರು. ಅಂದರೆ ರಾತ್ರಿ ಬೆಳಗಾಗುವುದರೊಳಗೆ ಬಾವಿಯಲ್ಲಿ ಒಂದು ಅಡಿ ನೀರು ಊರಿದರೆ ಮರುದಿನದ ಸಂಸಾರ ನಡೆಯುತ್ತದೆ.

ಈ ಲೆಕ್ಕವನ್ನು ಇಲ್ಲಿ ಕೊಡಲು ಕಾರಣವಿದೆ. ಮನೆಯ ಬಾವಿಗೆ ನಿವೇಶನದಲ್ಲೆಲ್ಲ ಅತಿ ಹೆಚ್ಚು ನೀರಿರುವ ಜಾಗವೇ ಬೇಕೆಂದು ಹಟ ಹಿಡಿಯಬೇಕಾಗಿಲ್ಲ. ಸಾಧಾರಣ ಸೆಲೆಯಿದ್ದು ಕೊಳೆಯಿಂದ ದೂರವಿರುವ ಜಾಗ ಒಂದು, ಜೋರು ಸೆಲೆಯಿದ್ದು ಗುಂಡಿಗೆ ಸಮೀಪವಿರುವ ಜಾಗ ಇನ್ನೊಂದು ಇದ್ದರೆ, ಮೊದಲನೆಯದನ್ನೇ ಆರಿಸಿರಿ. ಊರಿಗೆ ನಲ್ಲಿ ನೀರು ಬಂದಿದೆಯಲ್ಲ ಎನ್ನಬಹುದು. ನಲ್ಲಿ ನಿಂತ ದಿನ ಎಲ್ಲರೂ ಕೊಡ ಇಳಿಸುವುದು ಈ ಬಾವಿಗೇ.

ಕೊಳೆಯಿಂದ ಎಷ್ಟು ದೂರ?

ಸೆಪ್ಟಿಕ್ ಟ್ಯಾಂಕಿನ ನೀರು ಇಂಗುವ ಗುಂಡಿ ಕುಡಿಯುವ ನೀರಿನ ಬಾವಿಯಿಂದ ಕನಿಷ್ಠ 18 ಮೀಟರು, ಅಂದರೆ ಸುಮಾರು 60 ಅಡಿ ದೂರವಿರಬೇಕೆಂದು ಭಾರತೀಯ ಮಾನಕ ಸಂಸ್ಥೆಯ ನಿಯಮ ಹೇಳುತ್ತದೆ. ಎರಡು ಗುಂಡಿಯ ಶೌಚಾಲಯಕ್ಕೆ, ಮಣ್ಣು ನುಣ್ಣಗಿದ್ದು ನೀರಿನ ಮಟ್ಟ ಬಹಳ ಕೆಳಗಿದ್ದರೆ, ಇದಕ್ಕಿಂತ ಕಡಿಮೆ ದೂರವೂ ನಡೆಯುತ್ತದೆ. ಆದರೆ ನಿಮ್ಮ ಮಣ್ಣಿನ ಒಳಗುಣ ನಿಮಗೆ ಖಚಿತವಾಗಿ ಗೊತ್ತಿಲ್ಲವಾದರೆ 60 ಅಡಿಯನ್ನೇ ಹಿಡಿಯುವುದು ಕ್ಷೇಮ. ತಿಪ್ಪೆಗುಂಡಿಗೂ ಕೊಟ್ಟಿಗೆಯ ಗಂಜಲದ ಗುಂಡಿಗೂ ಇದೇ ಅಳತೆ ಇರಲಿ. ಗೊಬ್ಬರದಿಂದ ಮಣ್ಣಿಗಿಳಿಯುವ ನೈಟ್ರೇಟನ್ನು ಮಣ್ಣು ಸೋಸಿ ಹಿಡಿಯುವುದಿಲ್ಲ. ಅದು ನೀರಿನಲ್ಲಿ ಕರಗಿ ನೀರು ಹೋದಲ್ಲಿಗೆ ಹೋಗುತ್ತದೆ. ಲೀಟರಿಗೆ 45 ಮಿಲಿಗ್ರಾಂ ಮೀರಿದರೆ ಆ ನೀರು ಕುಡಿಯಲು ತಕ್ಕುದಲ್ಲ. ಎಳೆಯ ಕೂಸುಗಳಿಗಂತೂ ರಕ್ತವು ಪ್ರಾಣವಾಯುವನ್ನು ಒಯ್ಯುವ ಶಕ್ತಿ ಕುಂದಿ ಮೈ ನೀಲಿಗಟ್ಟುವ ಅಪಾಯವಿದೆ. ಕುದಿಸಿದರೆ ರೋಗಾಣು ಸಾಯುತ್ತವೆ, ನೈಟ್ರೇಟು ಹೋಗುವುದಿಲ್ಲ. ನೀರು ಆವಿಯಾದಷ್ಟೂ ಅದರ ಸಾಂದ್ರತೆ ಹೆಚ್ಚುತ್ತದೆ.

ದೂರದಷ್ಟೇ ಮುಖ್ಯವಾದದ್ದು ಗುಂಡಿಯ ಆಳ. ಹದಿನೈದು ಇಪ್ಪತ್ತು ಅಡಿ ಆಳಕ್ಕೆ ಸಿಮೆಂಟಿನ ಉಂಗುರ ಇಳಿಸಿ, ನಮ್ಮ ಗುಂಡಿ ಎಷ್ಟು ವರ್ಷವಾದರೂ ತುಂಬುವುದಿಲ್ಲ ಎಂದು ಹೆಮ್ಮೆಪಡುವವರಿದ್ದಾರೆ. ತುಂಬದ ಗುಂಡಿಯೊಳಗಿನದು ಎಲ್ಲಿಗೆ ಹೋಗುತ್ತಿದೆ ಎಂದು ಅವರು ಒಮ್ಮೆ ಯೋಚಿಸಬೇಕು. ಗುಂಡಿಯ ತಳಕ್ಕೂ ಮಳೆಗಾಲದಲ್ಲಿ ನೀರು ಏರಿ ನಿಲ್ಲುವ ಮಟ್ಟಕ್ಕೂ ನಡುವೆ ಕನಿಷ್ಠ ಎರಡು ಮೀಟರು ಒಣ ಮಣ್ಣು ಇರಬೇಕು. ರೋಗಾಣುಗಳು ಬಹುಮಟ್ಟಿಗೆ ಸಾಯುವುದು ಆ ಮಣ್ಣಿನಲ್ಲಿಯೇ.

ಈಶಾನ್ಯದ ಮಾತು

ಬಾವಿ ಈಶಾನ್ಯ ಮೂಲೆಯಲ್ಲಿರಬೇಕೆಂಬ ನಂಬಿಕೆ ನಮ್ಮಲ್ಲಿ ಬಲವಾಗಿದೆ. ನಿವೇಶನದಲ್ಲಿ ಬೇರೆ ತೊಂದರೆ ಇಲ್ಲದಿದ್ದರೆ ಅಲ್ಲಿಯೇ ತೋಡಿಸಲು ಯಾರದೂ ಅಡ್ಡಿಯಿಲ್ಲ. ಆದರೆ ಒಂದು ಸಂಗತಿಯನ್ನು ಗಮನಿಸಬೇಕು. ಈ ಪದ್ಧತಿ ಬೆಳೆದ ಕಾಲದಲ್ಲಿ ಹಳ್ಳಿಯ ಮನೆಯಂಗಳದಲ್ಲಿ ಶೌಚದ ಗುಂಡಿ ಇರಲಿಲ್ಲ, ಜನ ಬಯಲಿಗೆ ಹೋಗುತ್ತಿದ್ದರು. 2014ರಲ್ಲಿ ಸ್ವಚ್ಛ ಭಾರತ ಕಾರ್ಯಕ್ರಮ ಆರಂಭವಾದ ಮೇಲೆ ಹಳ್ಳಿಗಳಲ್ಲಿಯೂ ಮನೆ ಮನೆಗೆ ಗುಂಡಿ ಬಂದಿದೆ. ಬರಬೇಕಾದದ್ದೇ. ಆದರೆ ಹಳೆಯ ಸೂತ್ರ ಈ ಗುಂಡಿಯನ್ನು ಲೆಕ್ಕಕ್ಕೆ ತೆಗೆದುಕೊಂಡದ್ದಲ್ಲ. ನಿವೇಶನ ಈಶಾನ್ಯಕ್ಕೆ ಇಳಿಜಾರಾಗಿದ್ದು, ಗುಂಡಿ ನೈರುತ್ಯದ ಎತ್ತರದಲ್ಲಿದ್ದು, ಬಾವಿ ಈಶಾನ್ಯದ ತಗ್ಗಿನಲ್ಲಿದ್ದರೆ, ಅಂಗಳದ ಕೊಳೆಯೆಲ್ಲ ಬಾವಿಯ ಕಡೆಗೇ ಇಳಿಯುತ್ತದೆ. ಇಂತಹ ನಿವೇಶನದಲ್ಲಿ ಬಾವಿಯನ್ನು ಮೇಲಕ್ಕೆ ತರಬೇಕು, ಇಲ್ಲವೆ ಬಾವಿಯನ್ನು ಅಲ್ಲೇ ಇಟ್ಟು ಗುಂಡಿಗೆ ಪಕ್ಕದ ತಗ್ಗನ್ನು ಹುಡುಕಬೇಕು.

ಮಣ್ಣಿನೊಳಗಿನ ನೀರು ಯಾವ ಕಡೆ ಹರಿಯುತ್ತದೆ?

ನೆಲದ ಇಳಿಜಾರಿನ ಕಡೆಗೇ ಒಳಗಿನ ನೀರೂ ಸಾಧಾರಣವಾಗಿ ಹರಿಯುತ್ತದೆ. ನೆಲ ಚಪ್ಪಟೆಯಾಗಿದ್ದು ಇಳಿಜಾರು ಕಣ್ಣಿಗೆ ತಿಳಿಯದಿದ್ದರೆ ಅಕ್ಕಪಕ್ಕದ ಮೂರು ಬಾವಿಗಳಿಂದ ತಿಳಿಯಬಹುದು. ಮೂರೂ ಒಂದೇ ಸಾಲಿನಲ್ಲಿರಬಾರದು. ಕಟ್ಟಡದ ಮೇಸ್ತ್ರಿಗಳ ಬಳಿ ಮಟ್ಟ ನೋಡುವ ನೀರಿನ ಕೊಳವೆ ಇರುತ್ತದೆ. ಅದರಿಂದ ಮೂರೂ ಬಾವಿಕಟ್ಟೆಗಳ ಮೇಲೆ ಒಂದೇ ಮಟ್ಟದ ಗುರುತು ಹಾಕಿಸಿರಿ. ದೂರ ಹೆಚ್ಚಿದ್ದರೆ ನಡುವೆ ಗೂಟ ನೆಟ್ಟು ಮಟ್ಟವನ್ನು ದಾಟಿಸುತ್ತ ಹೋಗಬೇಕು. ಬೆಳಗಿನ ಜಾವ, ಯಾರೂ ನೀರು ಸೇದುವ ಮೊದಲು, ಪಂಪು ಚಾಲೂ ಆಗುವ ಮೊದಲು, ಕಲ್ಲು ಕಟ್ಟಿದ ಹಗ್ಗ ಇಳಿಸಿ ಆ ಗುರುತಿನಿಂದ ನೀರು ಎಷ್ಟು ಕೆಳಗಿದೆ ಎಂದು ಅಳೆಯಿರಿ. ಉದಾಹರಣೆಗೆ, ಪಶ್ಚಿಮದ ಬಾವಿಯಲ್ಲಿ 21 ಅಡಿ, ಉತ್ತರದ್ದರಲ್ಲಿ 23, ಪೂರ್ವದ್ದರಲ್ಲಿ 26 ಬಂದಿತೆನ್ನಿ. ನೀರು ಸುಮಾರಾಗಿ ಪಶ್ಚಿಮದಿಂದ ಪೂರ್ವಕ್ಕೆ ಸರಿಯುತ್ತಿದೆ ಎಂದಾಯಿತು. ನಿಮ್ಮ ಬಾವಿ ಪಶ್ಚಿಮದ ಬದಿಗೆ, ಗುಂಡಿ ಮತ್ತು ತಿಪ್ಪೆ ಪೂರ್ವದ ಬದಿಗೆ ಇರಬೇಕು. ಬಂಡೆಯ ಬಿರುಕುಗಳಲ್ಲಿ ನೀರು ಹೀಗೆ ನೇರವಾಗಿ ನಡೆಯದಿರುವುದೂ ಉಂಟು. ಹತ್ತಿರದಲ್ಲಿ ದೊಡ್ಡ ಕೊಳವೆ ಬಾವಿ ಹಗಲು ರಾತ್ರಿ ಓಡುತ್ತಿದ್ದರೆ ಅದು ಸುತ್ತಲಿನ ನೀರನ್ನು ತನ್ನತ್ತ ಎಳೆದುಕೊಳ್ಳುತ್ತದೆ. ಹೀಗಿದ್ದರೂ ಏನೂ ಅಳೆಯದೆ ತೋಡುವುದಕ್ಕಿಂತ ಇದು ಎಷ್ಟೋ ಮೇಲು.

ನೆಲದ ಗುಣ ನೋಡಿ

ನಮ್ಮ ರಾಜ್ಯದ ಹೆಚ್ಚಿನ ಭಾಗದಲ್ಲಿರುವುದು ಗಟ್ಟಿ ಬಂಡೆಯ ನೆಲ. ದಕ್ಷಿಣದ ಬಯಲುಸೀಮೆಯಲ್ಲಿ ಬೆಣಚು ಮಿಶ್ರಿತ ಕಲ್ಲು ಶಿಥಿಲವಾಗಿ ಗರಸಾಗಿರುವ ಪದರದಲ್ಲಿ ನೀರು ನಿಲ್ಲುತ್ತದೆ. ತೆರೆದ ಬಾವಿಗೆ ನೀರು ಕೊಡುವುದು ಮುಖ್ಯವಾಗಿ ಈ ಪದರವೇ. ಅದು ದಪ್ಪವಾಗಿದ್ದಷ್ಟೂ ಬಾವಿಗೆ ಒಳ್ಳೆಯದು. ಬಂಡೆ ಮೇಲಕ್ಕೆ ಎದ್ದು ಕಾಣುವ ಕಡೆ ತೋಡುವುದು ದಂಡ. ನೆರೆಯ ಬಾವಿ ತೋಡಿದವರನ್ನು ಕೇಳಿದರೆ ಎಷ್ಟು ಅಡಿಗೆ ಗರಸು, ಎಷ್ಟಕ್ಕೆ ಬಂಡೆ ಎಂದು ಅವರು ಹೇಳಬಲ್ಲರು.

ಉತ್ತರದ ಎರೆ ಸೀಮೆಯಲ್ಲಿ ಕಪ್ಪು ಮಣ್ಣಿನ ಕೆಳಗಿನ ಕರಿಕಲ್ಲಿನ ಬಿರುಕುಗಳಲ್ಲಿ ನೀರಿರುತ್ತದೆ. ಎರೆ ಮಣ್ಣು ಬೇಸಿಗೆಯಲ್ಲಿ ಬಿರಿದು ಮಳೆಗಾಲದಲ್ಲಿ ಉಬ್ಬುವುದರಿಂದ ಬಾವಿಯ ಮೇಲಿನ ಕಟ್ಟಡ ಬಿರುಕು ಬಿಡುವುದು ಸಾಮಾನ್ಯ. ಬಿರಿದ ನೆಲದಲ್ಲಿ ಮೊದಲ ಮಳೆಯ ನೀರು, ಅಂಗಳದ ಕೊಳೆ ಸಮೇತ, ಸೋಸದೆ ನೇರವಾಗಿ ಇಳಿಯುತ್ತದೆ. ಅಲ್ಲಿ ಎತ್ತರದ ಜಾಗವೇ ಬೇಕು, ಸುತ್ತ ನೀರು ನಿಲ್ಲದಂತಿರಬೇಕು.

ಎಲ್ಲಕ್ಕಿಂತ ಹೆಚ್ಚು ಎಚ್ಚರ ಬೇಕಾದದ್ದು ಕರಾವಳಿಯ ಮುರಕಲ್ಲಿನ ನೆಲದಲ್ಲಿ. ಮುರಕಲ್ಲಿನ ತುಂಬ ತೂತುಗಳು. ಅದರ ಕೆಳಗೆ ಶೇಡಿ ಮಣ್ಣು. ನೀರು ಈ ಶೇಡಿಯ ಮೇಲೆ ನಿಂತು ಕಲ್ಲಿನ ತೂತುಗಳಲ್ಲಿ ಬೇಗ ಬೇಗ ಸರಿಯುತ್ತದೆ. ಜೂನ್, ಜುಲೈ ತಿಂಗಳಲ್ಲಿ ನೀರಿನ ಮಟ್ಟ ನೆಲದ ಹತ್ತಿರಕ್ಕೇ ಏರುವುದರಿಂದ ಶೌಚದ ಗುಂಡಿ ನೀರಿನಲ್ಲಿ ಮುಳುಗಿ, ಗುಂಡಿ ಬಾವಿ ಎರಡೂ ಒಂದೇ ನೀರಾಗಿಬಿಡುತ್ತವೆ. ಮಂಗಳೂರು, ಉಡುಪಿ, ಕುಮಟಾ ಕಡೆಯ ಓದುಗರು 60 ಅಡಿಯನ್ನು ಕನಿಷ್ಠವೆಂದು ತಿಳಿದು, ಜಾಗವಿದ್ದಷ್ಟೂ ದೂರ ಹೋಗಬೇಕು. ಗುಂಡಿಯನ್ನು ನೆಲದಿಂದ ಎತ್ತರಿಸಿ ಕಟ್ಟಿಸಬೇಕು. ಕಡಲ ದಂಡೆಯ ಮರಳಿನಲ್ಲಿ ಸಿಹಿನೀರು ಉಪ್ಪುನೀರಿನ ಮೇಲೆ ತೇಲಿಕೊಂಡಿರುತ್ತದೆ. ಅಲ್ಲಿ ಬಾವಿಯನ್ನು ಆಳ ಮಾಡಿದಷ್ಟೂ ಉಪ್ಪಿಗೆ ಸಮೀಪವಾಗುತ್ತದೆ.

ಮರ, ಹುತ್ತ, ಬೇವಿನ ಕವೆ

ಆರನೆಯ ಶತಮಾನದ ವರಾಹಮಿಹಿರ ತನ್ನ ಬೃಹತ್ಸಂಹಿತೆಯಲ್ಲಿ ದಕಾರ್ಗಲವೆಂಬ ಅಧ್ಯಾಯವನ್ನೇ ಇದಕ್ಕಾಗಿ ಬರೆದಿದ್ದಾನೆ. ಯಾವ ಮರದ ಪಕ್ಕ ಹುತ್ತವಿದ್ದರೆ ಎಷ್ಟು ಆಳದಲ್ಲಿ ನೀರು ಎಂಬ ವಿವರ ಅದರಲ್ಲಿದೆ. ಇದನ್ನು ಪೂರ್ತಿ ತಳ್ಳಿಹಾಕಬೇಕಾಗಿಲ್ಲ. ಅತ್ತಿ, ನೇರಳೆ, ಹೊಳೆಮತ್ತಿ, ಈಚಲು ಇವು ತಾವಾಗಿ ಹುಟ್ಟಿ ಸೊಂಪಾಗಿ ಬೆಳೆದಿದ್ದರೆ ತೇವ ಹತ್ತಿರವಿದೆ ಎಂದು ಊಹಿಸಬಹುದು. ನೆಟ್ಟು ನೀರೆರೆದು ಬೆಳೆಸಿದ ಮರ ಈ ಲೆಕ್ಕಕ್ಕೆ ಬರುವುದಿಲ್ಲ. ಬಳ್ಳಾರಿ ಜಾಲಿಯ ಬೇರು ಬಹಳ ಆಳಕ್ಕೆ ಹೋಗುವುದರಿಂದ ಅದರ ಹಸಿರು ನಂಬಿ ಬಾವಿ ತೋಡಬಾರದು.

ಬೇವಿನ ಕವೆ, ತೆಂಗಿನಕಾಯಿ ಹಿಡಿದು ನೀರು ನೋಡುವವರನ್ನು ಕರೆಸುವುದು ನಿಮ್ಮ ಇಷ್ಟ. ಶಿಥಿಲ ಪದರ ಚೆನ್ನಾಗಿರುವ ನೆಲದಲ್ಲಿ ಎಲ್ಲಿ ತೋಡಿದರೂ ಮನೆಗೆ ಸಾಕಾಗುವಷ್ಟು ನೀರು ಸಿಕ್ಕುವ ಸಂಭವವೇ ಹೆಚ್ಚು, ಅವರ ಮಾತು ಆಗ ನಿಜವಾಗುತ್ತದೆ. ಅವರು ತೋರಿಸಿದ ಜಾಗ ಗುಂಡಿಯ ಪಕ್ಕದಲ್ಲಿದ್ದರೆ ಮಾತ್ರ ಖಂಡಿತ ಒಪ್ಪಬೇಡಿ. ಕವೆ ಕೊಳೆಯನ್ನು ತೋರಿಸುವುದಿಲ್ಲ. ಸಂದೇಹವಿದ್ದಲ್ಲಿ ಜಿಲ್ಲೆಯ ಅಂತರ್ಜಲ ಕಚೇರಿಯ ಭೂವಿಜ್ಞಾನಿಗಳನ್ನು ವಿಚಾರಿಸಿರಿ.

ನಿವೇಶನ ಚಿಕ್ಕದಾದರೆ

60 ಅಡಿ ಅಗಲ, 90 ಅಡಿ ಉದ್ದದ ಹಿತ್ತಲಿದ್ದರೆ ಎದುರುಬದುರು ಮೂಲೆಗಳ ನಡುವೆ 108 ಅಡಿ ದೊರೆಯುತ್ತದೆ. ಯೋಚಿಸಿ ಇಟ್ಟರೆ ಬಾವಿ, ಗುಂಡಿ, ಕೊಟ್ಟಿಗೆ ಮೂರಕ್ಕೂ ಸ್ಥಳವುಂಟು. ಈಗ ಹೆಚ್ಚಾಗಿ ಹಂಚಿಕೆಯಾಗುವ 30 ಅಡಿ, 40 ಅಡಿಯ ನಿವೇಶನದಲ್ಲಿ ಮೂಲೆಯಿಂದ ಮೂಲೆಗೆ ಇರುವುದೇ 50 ಅಡಿ. ನಿಯಮದ ದೂರ ಅದರೊಳಗೆ ಸಿಕ್ಕುವುದೇ ಇಲ್ಲ. ಅದರ ಮೇಲೆ ನೆರೆಯವರ ಗುಂಡಿ ಕಾಂಪೌಂಡಿನ ಆಚೆ ನಾಲ್ಕು ಅಡಿಯಲ್ಲಿರಬಹುದು. ಗೋಡೆ ಮಣ್ಣಿನೊಳಗಿನ ನೀರನ್ನು ತಡೆಯುವುದಿಲ್ಲ. ಅಳತೆಯನ್ನು ಗೋಡೆ ದಾಟಿ ಹಿಡಿಯಬೇಕು. ಇಂತಹ ಕಡೆ ಪ್ರತಿ ಮನೆಗೂ ಒಂದೊಂದು ಬಾವಿ ಬೇಡವೆಂಬುದೇ ನಮ್ಮ ಅಭಿಪ್ರಾಯ. ನಾಲ್ಕಾರು ಮನೆಯವರು ಸೇರಿ ಮೇಲಿನ ಬದಿಯಲ್ಲಿ ಒಂದು ಒಳ್ಳೆಯ ಬಾವಿ ಮಾಡಿಕೊಳ್ಳಬಹುದು. ಈಗಾಗಲೇ ಬಾವಿ ಇದ್ದರೆ ಅದನ್ನು ಬಟ್ಟೆ, ಪಾತ್ರೆ, ಗಿಡಗಳಿಗೆ ಇಟ್ಟುಕೊಂಡು ಕುಡಿಯಲು ನಲ್ಲಿಯ ನೀರನ್ನು ಬಳಸುವುದು ಲೇಸು.

ಬಾವಿಯ ಬದಲು ಕೊಳವೆ ಬಾವಿ ಕೊರೆಸಿದರೆ ಈ ತೊಂದರೆ ತಪ್ಪಿತೆಂದು ತಿಳಿಯಬೇಡಿ. ಕೇಸಿಂಗ್ ಪೈಪು ಗಟ್ಟಿ ಬಂಡೆಯವರೆಗೆ ಇಳಿದು, ಅದರ ಸುತ್ತಲಿನ ಸಂದು ಸಿಮೆಂಟಿನಿಂದ ಮುಚ್ಚಿರದಿದ್ದರೆ ಮೇಲಿನ ಕೊಳೆ ಪೈಪಿನ ಬೆನ್ನು ಹಿಡಿದು ಇಳಿಯುತ್ತದೆ. ಕೋಲಾರ, ಚಿಕ್ಕಬಳ್ಳಾಪುರ, ಚಿತ್ರದುರ್ಗ, ಕೊಪ್ಪಳ, ರಾಯಚೂರು, ಪಾವಗಡ ಮುಂತಾದ ಕಡೆ ಆಳದ ನೀರಿನಲ್ಲಿ ಫ್ಲೋರೈಡಿನ ಕಾಟ ಬೇರೆ.

ತೋಡುವ ಕಾಲ, ಮತ್ತು ಪರೀಕ್ಷೆ

ನೀರು ಅತಿ ಕೆಳಗೆ ಹೋಗಿರುವ ಏಪ್ರಿಲ್, ಮೇ ತಿಂಗಳಲ್ಲಿ ತೋಡಿಸಿದರೆ ಬೇಸಿಗೆಯಲ್ಲಿ ಬತ್ತುವ ಭಯ ಕಡಿಮೆ. ಮನೆಯ ಪಾಯದಿಂದ ಕನಿಷ್ಠ ಹತ್ತು ಅಡಿ ಬಿಡಿ, ಮಣ್ಣು ಸಡಿಲವಾಗಿದ್ದರೆ ಇನ್ನೂ ಹೆಚ್ಚು. ಸಾರ್ವಜನಿಕ ಕುಡಿಯುವ ನೀರಿನ ಮೂಲದಿಂದ 500 ಮೀಟರಿನೊಳಗೆ ಹೊಸ ಬಾವಿ ತೋಡಲು 1999ರ ರಾಜ್ಯ ಕಾಯಿದೆಯಂತೆ ಅನುಮತಿ ಬೇಕು. 2011ರ ಅಂತರ್ಜಲ ಕಾಯಿದೆಯಂತೆ ಅಧಿಸೂಚಿತ ಪ್ರದೇಶಗಳಲ್ಲಿಯೂ ಅನುಮತಿ ಪಡೆಯಬೇಕು. ಹಣ ಕೊಟ್ಟು ಆಳು ಗೊತ್ತುಮಾಡುವ ಮೊದಲು ಇದನ್ನು ವಿಚಾರಿಸಿಕೊಳ್ಳಿ.

ಬಾವಿ ಮುಗಿದ ಮೇಲೆ ಮೇಲಿನ ಹತ್ತು ಅಡಿಯ ಗೋಡೆಯಲ್ಲಿ ನೀರು ಜಿನುಗದಂತೆ ಗಾರೆ ಮಾಡಿಸಿ, ಬಾವಿಕಟ್ಟೆಯ ಸುತ್ತ ಹೊರಕ್ಕೆ ವಾಟವಿರುವ ಸಿಮೆಂಟು ನೆಲ ಹಾಕಿಸಿರಿ. ನೀರನ್ನು ಎರಡು ಸಲ ಪರೀಕ್ಷೆಗೆ ಕಳುಹಿಸಬೇಕು. ಬೇಸಿಗೆಯಲ್ಲಿ ಒಮ್ಮೆ ಉಪ್ಪು, ನೈಟ್ರೇಟು, ಫ್ಲೋರೈಡಿಗಾಗಿ. ಎರಡನೆಯದು ಮುಂಗಾರಿನ ಮೊದಲ ಜೋರು ಮಳೆ ಬಿದ್ದು ವಾರದೊಳಗೆ, ರೋಗಾಣುಗಳಿಗಾಗಿ. ಜಾಗದ ಆಯ್ಕೆ ಸರಿಯಾಯಿತೇ ಎಂಬುದು ಗೊತ್ತಾಗುವುದು ಈ ಎರಡನೆಯ ಪರೀಕ್ಷೆಯಲ್ಲಿ. ಇದಕ್ಕೆ ನೀರನ್ನು ಪ್ರಯೋಗಾಲಯದವರೇ ಕೊಡುವ ಶುದ್ಧೀಕರಿಸಿದ ಸೀಸೆಯಲ್ಲಿ ಹಿಡಿದು, ಮುಚ್ಚಳದ ಒಳಭಾಗವನ್ನು ಕೈಯಿಂದ ಮುಟ್ಟದೆ, ತಂಪಾಗಿ ಇಟ್ಟು ಅದೇ ದಿನ ತಲುಪಿಸಿರಿ. ಬ್ಲೀಚಿಂಗ್ ಪುಡಿ ಹಾಕಿದ ಮರುದಿನದ ನೀರನ್ನು ಕಳುಹಿಸಿದರೆ ಪರೀಕ್ಷೆಯಿಂದ ಏನೂ ತಿಳಿಯುವುದಿಲ್ಲ.